ಮದುವೆ ಮನೆಗೆ ಸಾಲುವ ಮೈಕು ಕೆರೆ ಏರಿಗೆ ಸಾಲದು

ಕೋಲಾರದ ಕೆರೆಗಳನ್ನು ಕುರಿತು ಸಾಕ್ಷ್ಯಚಿತ್ರ ಮಾಡುತ್ತಿರುವ ನಾವು ಮೂವರು, ಸ್ವಂತ ಸಲಕರಣೆ ಕೊಳ್ಳುವ ಶಕ್ತಿಯಿಲ್ಲದೆ, ಪಟ್ಟಣದ ಒಂದು ಬಾಡಿಗೆ ಅಂಗಡಿಯಿಂದ ಕ್ಯಾಮೆರಾ, ಎರಡು ಲೆನ್ಸು, ಟ್ರೈಪಾಡು ಮತ್ತು ಒಂದು ಜೊತೆ ವೈರ್‌ಲೆಸ್ ಕಾಲರ್ ಮೈಕನ್ನು ಆರು ದಿನಗಳ ಮಟ್ಟಿಗೆ ತಂದಿದ್ದೆವು. ಬೆಂಗಳೂರಿಗೆ ಅಲೆಯುವುದು ತಪ್ಪಿತು. ಕ್ಯಾಮೆರಾದ ಬಗ್ಗೆ ದೂರಿಲ್ಲ. ಲೆನ್ಸುಗಳ ಮೇಲೆ ಬೆರಳಿನ ಗುರುತೂ ಇರಲಿಲ್ಲ, ನಾಲ್ಕೂ ಬ್ಯಾಟರಿಗಳು ಪೂರ್ತಿ ಚಾರ್ಜ್ ಆಗಿದ್ದವು.

ತೊಡಕು ಬಂದದ್ದು ಧ್ವನಿಯಲ್ಲಿ. ವರ್ಷವಿಡೀ ಹರಿಯುವ ನದಿಯೊಂದೂ ಇಲ್ಲದ ಈ ಜಿಲ್ಲೆಯಲ್ಲಿ ಮಳೆ ಕೈಕೊಟ್ಟು ಕೊಳವೆಬಾವಿಗಳು ಬತ್ತಿದ್ದನ್ನು, 2018ರಲ್ಲಿ ಕೆ.ಸಿ. ವ್ಯಾಲಿ (ಕೋರಮಂಗಲ-ಚಲ್ಲಘಟ್ಟ ಕಣಿವೆ) ಯೋಜನೆಯಿಂದ ಬೆಂಗಳೂರಿನ ಸಂಸ್ಕರಿಸಿದ ಕೊಳಚೆ ನೀರು ಮೊದಲು ಲಕ್ಷ್ಮೀಸಾಗರ ಕೆರೆಗೆ ಬಂದದ್ದನ್ನು, 2021ರ ನವೆಂಬರ್ ಮಳೆಗೆ ಕೆರೆಗಳು ಕೋಡಿ ಹರಿಯುವಾಗಲೇ ಕೊಯ್ಲಿಗೆ ಬಂದ ರಾಗಿ ಹೊಲದಲ್ಲೇ ಮೊಳೆತದ್ದನ್ನು ಹೇಳಬೇಕಾದವರು ಊರಿನ ಜನ. (ಅವರಲ್ಲಿ ಒಬ್ಬರೂ ‘ಹವಾಮಾನ ಬದಲಾವಣೆ’ ಎಂಬ ಮಾತನ್ನು ಬಳಸಲಿಲ್ಲ, ‘ಕಾಲ ಕೆಟ್ಟೋಯ್ತು’ ಎಂದರು.) ಚಿತ್ರದ ಜೀವವಿರುವುದು ಆ ಮಾತಿನಲ್ಲಿ.

ಮೊದಲ ದಿನ ವಯಸ್ಸಾದ ನೀರಗಂಟಿಯೊಬ್ಬರು ಏರಿಯ ಮೇಲೆ ನಿಂತು, ತೂಬಿನ ಕಲ್ಲನ್ನು ಮುಟ್ಟಿ ತೋರಿಸುತ್ತಾ, ಯಾವ ಗದ್ದೆಗೆ ಎಷ್ಟು ಹೊತ್ತು ನೀರು ಬಿಡುತ್ತಿದ್ದರೆಂದು ಮುಕ್ಕಾಲು ಗಂಟೆ ವಿವರಿಸಿದರು. ಸಂಜೆ ಕೇಳಿದರೆ ಬರೀ ಗಾಳಿಯ ಬರ್ರೆಂಬ ಸದ್ದು. ಮೈಕಿಗೆ ತೊಡಿಸುವ ತುಪ್ಪಳದ ಕವಚ ಪೆಟ್ಟಿಗೆಯಲ್ಲೇ ಇರಲಿಲ್ಲ. ಹೊರಡುವ ಮುನ್ನ ನೋಡಿಕೊಳ್ಳದಿದ್ದುದು ನಮ್ಮದೂ ತಪ್ಪು. ಗಾಳಿ ನೇರವಾಗಿ ಮೈಕಿನ ಪೊರೆಗೆ ಬಡಿಯದಂತೆ ಆ ಕೂದಲು ಅದರ ವೇಗ ಮುರಿಯುತ್ತದೆ, ಮಾತನ್ನು ಮಾತ್ರ ಒಳಗೆ ಬಿಡುತ್ತದೆ. ಮರುದಿನ ಅವರೇ ತಮ್ಮ ಹಳೆಯ ಕಂಬಳಿಯ ಅಂಚಿನಿಂದ ಒಂದು ಚೂರು ಕತ್ತರಿಸಿಕೊಟ್ಟರು. ಅದನ್ನು ರಬ್ಬರ್ ಬ್ಯಾಂಡಿನಿಂದ ಬಿಗಿದ ಮೇಲೆ ಧ್ವನಿ ತುಸು ಮಂಕಾದರೂ ಸ್ಪಷ್ಟವಾಗಿ ಬಂತು. ಆದರೆ ಎರಡನೇ ಸಲ ಅವರು ಹತ್ತೇ ನಿಮಿಷದಲ್ಲಿ ಮುಗಿಸಿದರು, ತೂಬಿನ ಬಳಿಗೆ ಹೋಗಲೇ ಇಲ್ಲ.

ಅಂಗಡಿಯ ಮಾಲೀಕರು ನಮ್ಮ ದೂರನ್ನು ಸಮಾಧಾನದಿಂದ ಕೇಳಿ, ಮೈಕಿನ ಬಾಡಿಗೆಯಲ್ಲಿ ಅರ್ಧ ಬಿಟ್ಟರು. ಅವರ ಗಿರಾಕಿಗಳೆಲ್ಲ ಹೆಚ್ಚಾಗಿ ಮದುವೆ ವಿಡಿಯೋದವರು. ಅಲ್ಲಿ ಮಾತಿನ ಮೇಲೆ ಹಾಡು ಕೂರಿಸುವುದರಿಂದ ಈ ಕವಚವನ್ನು ಇದುವರೆಗೆ ಯಾರೂ ಕೇಳಿರಲಿಲ್ಲವಂತೆ. ಕ್ಯಾಮೆರಾ, ಲೆನ್ಸಿಗಾಗಿ ನಾನು ಮತ್ತೆ ಇಲ್ಲಿಗೇ ಹೋಗುತ್ತೇನೆ. ಮೈಕನ್ನು ಒಯ್ಯುವವರು ಮಾತ್ರ ಅದನ್ನು ಅಂಗಡಿಯೊಳಗೆ ಪರೀಕ್ಷಿಸದೆ, ಹೊರಗೆ ರಸ್ತೆಯಲ್ಲಿ ಗಾಳಿಗೆ ಹಿಡಿದು, ಹೆಡ್‌ಫೋನ್ ಹಾಕಿಕೊಂಡು ಕೇಳಿದ ಮೇಲೆಯೇ ಮುಂಗಡ ಕೊಡಬೇಕು. ಕಂಬಳಿಯ ಚೂರು ಇನ್ನೂ ನನ್ನ ಬ್ಯಾಗಿನಲ್ಲಿದೆ.