ಬಳ್ಳಾರಿಯಲ್ಲಿ ಗೇಮಿಂಗ್ ಮಾನಿಟರ್ ಖರೀದಿ: ಹರ್ಟ್ಸ್‌ಗಿಂತ ಮೊದಲು ಪ್ಯಾನೆಲ್ ನೋಡಿ

ಹೆಚ್ಚು ರಿಫ್ರೆಶ್ ರೇಟ್ (ಪರದೆ ಸೆಕೆಂಡಿಗೆ ಎಷ್ಟು ಬಾರಿ ಹೊಸ ಚಿತ್ರ ತೋರಿಸುತ್ತದೆ ಎಂಬ ಲೆಕ್ಕ, ಇದರ ಅಳತೆ ಹರ್ಟ್ಸ್) ಇರುವ ಗೇಮಿಂಗ್ ಮಾನಿಟರ್ ಕೊಳ್ಳಲು ಹೋದವರ ಕಣ್ಣು ಡಬ್ಬದ ಮೇಲೆ ದಪ್ಪಕ್ಷರದಲ್ಲಿ ಅಚ್ಚಾಗಿರುವ ಹರ್ಟ್ಸ್ ಅಂಕಿಯ ಮೇಲೆಯೇ ಮೊದಲು ಬೀಳುತ್ತದೆ. ಆ ಅಂಕಿಯನ್ನು ಮೂರನೆಯದಾಗಿ ನೋಡಬೇಕೆಂಬುದು ನನ್ನ ಅಭಿಪ್ರಾಯ. ಪ್ಯಾನೆಲ್, ಅಂದರೆ ಚಿತ್ರ ಮೂಡಿಸುವ ಫಲಕ, ಯಾವ ಬಗೆಯದು ಎಂಬುದು ಮೊದಲು, ಮನೆಯಲ್ಲಿರುವ ಗ್ರಾಫಿಕ್ಸ್ ಕಾರ್ಡ್ ಸೆಕೆಂಡಿಗೆ ಎಷ್ಟು ಫ್ರೇಮ್ (ಚಿತ್ರ) ಕೊಡಬಲ್ಲದು ಎಂಬುದು ಎರಡನೆಯದು, ಹರ್ಟ್ಸ್ ಆಮೇಲೆ. ಬಳ್ಳಾರಿಯ ಬೆಂಗಳೂರು ರಸ್ತೆಗೆ ಹತ್ತಿರದ ಒಂದು ಕಂಪ್ಯೂಟರ್ ಅಂಗಡಿಯಲ್ಲಿ ಮೂರು ಮಾನಿಟರ್‌ಗಳನ್ನು ಒಂದೇ ಮೇಜಿನ ಮೇಲೆ ಸಾಲಾಗಿ ಇಡಿಸಿ, ಒಂದೇ ಆಟವನ್ನು ಮೂರರಲ್ಲಿಯೂ ಆಡಿ ನೋಡಿದ ಮೇಲೆ ಈ ಅಭಿಪ್ರಾಯ ಗಟ್ಟಿಯಾಯಿತು.

ಮಾನಿಟರ್ ಬೇಕಾಗಿದ್ದದ್ದು ಡಿಗ್ರಿ ಓದುತ್ತಿರುವ ನನ್ನ ಅಕ್ಕನ ಮಗನಿಗೆ. ಅವನ ಕಂಪ್ಯೂಟರಿನಲ್ಲಿ ಎನ್‌ವಿಡಿಯಾ ಕಂಪನಿಯ ಆರ್‌ಟಿಎಕ್ಸ್ 3060 ಗ್ರಾಫಿಕ್ಸ್ ಕಾರ್ಡ್ ಇದೆ; ಹೆಚ್ಚಾಗಿ ಆಡುವುದು ವ್ಯಾಲರಂಟ್ ಎಂಬ ಶೂಟಿಂಗ್ ಆಟ, ರಜೆಯಲ್ಲಿ ಕಾರ್ ರೇಸಿನ ಆಟಗಳು. ಅಂಗಡಿಯ ಡೆಮೊ ಕಂಪ್ಯೂಟರಿನಲ್ಲಿ ಯಾವ ಪರದೆಯೂ ಚೆಂದವಾಗಿಯೇ ಕಾಣುತ್ತದೆ ಎಂದು ಅವನದೇ ಸಿಪಿಯು ಡಬ್ಬವನ್ನು ಆಟೋದಲ್ಲಿ ಹಾಕಿಕೊಂಡು ಹೋಗಿದ್ದೆವು. ಹಾಗೆ ಒಯ್ದು ಪರೀಕ್ಷಿಸಲು ಬಿಡುವ ಅಂಗಡಿ ಸಿಕ್ಕುವುದೇ ದೊಡ್ಡ ಅನುಕೂಲ. ಈ ಅಂಗಡಿಯವರು ಡಬ್ಬ ಒಡೆಯಲು ಹಿಂದೆಮುಂದೆ ನೋಡಲಿಲ್ಲ. ಮಾಲೀಕರು, "ಡಬ್ಬದ ಮ್ಯಾಲೆ ಬರ್ದಿದ್ದು ಬಿಡ್ರಿ ಸರ್, ಹುಡುಗನ ಕೈಯಾಗ ಮೌಸ್ ಕೊಡ್ರಿ, ಅವನೇ ಹೇಳ್ತಾನ" ಎಂದು ಕುರ್ಚಿ ಎಳೆದು ಕೊಟ್ಟರು.

ಮಾದರಿ ಸಂಖ್ಯೆಗಳು ವರ್ಷ ತುಂಬುವುದರೊಳಗೆ ಬದಲಾಗುವುದರಿಂದ ಇಲ್ಲಿ ಬಗೆಗಳನ್ನಷ್ಟೇ ಹೇಳುತ್ತೇನೆ. ಐಪಿಎಸ್, ವಿಎ ಎಂಬುವು ಎಲ್‌ಸಿಡಿ ಪ್ಯಾನೆಲ್‌ನ ಎರಡು ಬಗೆಗಳು; 1080ಪಿ, 1440ಪಿ ಎಂಬುವು ಪರದೆಯಲ್ಲಿ ಮೇಲಿನಿಂದ ಕೆಳಗೆ ಎಷ್ಟು ಸಾಲು ಪಿಕ್ಸೆಲ್ (ಚಿತ್ರದ ಚುಕ್ಕೆ) ಇವೆ ಎಂಬುದರ ಅಂಕಿ. ಮೊದಲನೆಯದು 24 ಇಂಚಿನ, 1080ಪಿ, 180 ಹರ್ಟ್ಸ್‌ನ ಐಪಿಎಸ್. ಎರಡನೆಯದು 27 ಇಂಚಿನ, 1080ಪಿ, 240 ಹರ್ಟ್ಸ್‌ನ ಬಾಗಿದ ವಿಎ. ಮೂರನೆಯದು 27 ಇಂಚಿನ, 1440ಪಿ, 180 ಹರ್ಟ್ಸ್‌ನ ಐಪಿಎಸ್. ಹುಡುಗನ ಮನಸ್ಸು ಎರಡನೆಯದರ ಮೇಲಿತ್ತು. ಅದು ದೊಡ್ಡದು, ಬಾಗಿದ್ದು, ಮೇಲಾಗಿ ಅಂಕಿಯೂ ಹೆಚ್ಚು.

ಆಟ ಶುರುವಾದ ಕೆಲವೇ ನಿಮಿಷಗಳಲ್ಲಿ ವಿಎ ಪರದೆಯ ದೋಷ ಕಣ್ಣಿಗೆ ಬಿತ್ತು. ಬಿಸಿಲಿರುವ ಬಯಲಿನಲ್ಲಿ ಎಲ್ಲವೂ ಚೊಕ್ಕವಾಗಿತ್ತು. ಕತ್ತಲೆಯ ಓಣಿಯೊಳಗೆ ಹೋಗಿ ಮೌಸನ್ನು ಸರಕ್ಕನೆ ತಿರುಗಿಸಿದಾಗ ಮಾತ್ರ ಗೋಡೆಯ ಅಂಚಿನ ಹಿಂದೆ ಕಪ್ಪು ಮಸಿ ಎಳೆದಂತೆ ನೆರಳು ಹಿಂಬಾಲಿಸುತ್ತಿತ್ತು. ಆ ನೆರಳಿನಲ್ಲಿ ನಿಂತ ಎದುರಾಳಿ ಒಂದು ಕ್ಷಣ ತಡವಾಗಿ ಕಾಣುತ್ತಿದ್ದ. "ಮಾಮಾ, ಇದರಾಗ ಮೂಲಿ ಕಾಣವಲ್ದು" ಎಂದು ಅವನೇ ಹೇಳಿದ. ಇದಕ್ಕೆ ಕಾರಣವಿದೆ. ವಿಎ ಪ್ಯಾನೆಲ್‌ನ ದ್ರವ ಹರಳುಗಳು ಬಿಳಿಯಿಂದ ಬೂದು ಬಣ್ಣಕ್ಕೆ ಬೇಗ ತಿರುಗಿದರೂ ಕಡುಕಪ್ಪಿನಿಂದ ಕಡುಬೂದಿಗೆ ತಿರುಗಲು ಅದಕ್ಕಿಂತ ಹಲವು ಪಟ್ಟು ಸಮಯ ತೆಗೆದುಕೊಳ್ಳುತ್ತವೆ. 240 ಹರ್ಟ್ಸ್‌ನಲ್ಲಿ ಒಂದು ಚಿತ್ರ ಪರದೆಯ ಮೇಲೆ ನಿಲ್ಲುವುದು 4.17 ಮಿಲಿಸೆಕೆಂಡ್ ಮಾತ್ರ. ಹರಳು ಅಷ್ಟರೊಳಗೆ ತಿರುಗದಿದ್ದರೆ ಹಳೆಯ ಚಿತ್ರದ ಕಲೆ ಹೊಸ ಚಿತ್ರದ ಮೇಲೆ ಉಳಿಯುತ್ತದೆ, ಅದರ ಮುಂದಿನದರ ಮೇಲೆಯೂ ಉಳಿಯುತ್ತದೆ. ಪರದೆ ಸೆಕೆಂಡಿಗೆ 240 ಬಾರಿ ಹೊಸ ಚಿತ್ರ ತೋರಿಸಿದರೂ ಕತ್ತಲೆಯ ಭಾಗಗಳಲ್ಲಿ ಆ ವೇಗದ ಲಾಭ ಕಣ್ಣಿಗೆ ತಲುಪುವುದಿಲ್ಲ.

ಎಲ್ಲಾ ವಿಎ ಪರದೆಗಳನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ಅನ್ಯಾಯ. 2020ರಲ್ಲಿ ಬಂದ ಸ್ಯಾಮ್‌ಸಂಗ್ ಒಡಿಸ್ಸಿ ಜಿ7ನಂಥ ವೇಗದ ವಿಎ ಪರದೆಗಳು ಈ ಕೊರತೆಯನ್ನು ಬಹುಮಟ್ಟಿಗೆ ನೀಗಿಸಿವೆ, ಆದರೆ ಅವುಗಳ ಬೆಲೆ ಬೇರೆಯದೇ ಮಟ್ಟದ್ದು. ಕಡಿಮೆ ಬೆಲೆಗೆ ದೊಡ್ಡ ಅಂಕಿ ತೋರಿಸುವ ವಿಎ ಪರದೆಯ ಬಗ್ಗೆ ಎಚ್ಚರವಿರಲಿ ಎಂಬುದಷ್ಟೇ ನನ್ನ ಮಾತು. ರಾತ್ರಿ ದೀಪವಾರಿಸಿ ಸಿನಿಮಾ ನೋಡುವವರಿಗೆ ವಿಎ ಕೊಡುವ ಕಪ್ಪು ನಿಜಕ್ಕೂ ಕಪ್ಪು. ಅದರ ಕಾಂಟ್ರಾಸ್ಟ್ (ಬಿಳಿಗೂ ಕಪ್ಪಿಗೂ ಇರುವ ಬೆಳಕಿನ ಅನುಪಾತ) ಸಾಮಾನ್ಯವಾಗಿ 3000:1ರ ಆಸುಪಾಸಿನಲ್ಲಿದ್ದರೆ ಐಪಿಎಸ್‌ನದು 1000:1ರ ಹತ್ತಿರವೇ ಉಳಿಯುತ್ತದೆ, ಕತ್ತಲ ಕೋಣೆಯಲ್ಲಿ ಐಪಿಎಸ್‌ನ ಕಪ್ಪು ಬೂದಿಯಂತೆ ಕಾಣುತ್ತದೆ, ಮೂಲೆಗಳಲ್ಲಿ ತಿಳಿಬೆಳಕು ಹೊಳೆಯುತ್ತದೆ. ಆಟವೇ ಮುಖ್ಯ ಎನ್ನುವವರಿಗೆ ಆ ಕೊರತೆ ಸಹಿಸುವಂಥದ್ದು. ಪ್ರತಿ ಪಿಕ್ಸೆಲ್ ತಾನೇ ಬೆಳಗುವ ಓಎಲ್‌ಇಡಿ ಇವೆರಡನ್ನೂ ಮೀರಿಸುತ್ತದೆ, ಆದರೆ ಬೆಲೆ ಮತ್ತು ಒಂದೇ ಚಿತ್ರ ಬಹಳ ಹೊತ್ತು ನಿಂತರೆ ಗುರುತು ಉಳಿಯುವ ಭಯ ಎರಡೂ ಇರುವುದರಿಂದ ವಿದ್ಯಾರ್ಥಿಯ ಮೇಜಿಗೆ ಅದನ್ನು ನಾನು ಸೂಚಿಸುವುದಿಲ್ಲ.

ಹರ್ಟ್ಸ್‌ನ ಲೆಕ್ಕವನ್ನು ಒಮ್ಮೆ ಕಾಗದದ ಮೇಲೆ ಹಾಕಿ ನೋಡಿದರೆ ಅಂಕಿಯ ಮೋಹ ತಾನಾಗಿಯೇ ಇಳಿಯುತ್ತದೆ. 60 ಹರ್ಟ್ಸ್‌ನಲ್ಲಿ ಒಂದು ಚಿತ್ರಕ್ಕೂ ಇನ್ನೊಂದಕ್ಕೂ ನಡುವಿನ ಅಂತರ 16.67 ಮಿಲಿಸೆಕೆಂಡ್, 144ರಲ್ಲಿ 6.94; 180ರಲ್ಲಿ 5.56, 240ರಲ್ಲಿ 4.17; 360ರಲ್ಲಿ 2.78. ಅರವತ್ತರಿಂದ 144ಕ್ಕೆ ಏರಿದಾಗ ಸುಮಾರು ಹತ್ತು ಮಿಲಿಸೆಕೆಂಡ್ ಉಳಿಯುತ್ತದೆ, ಈ ವ್ಯತ್ಯಾಸವನ್ನು ಆಟವೇ ಆಡದವರೂ ಮೌಸಿನ ಬಾಣ ಓಡುವ ರೀತಿಯಿಂದಲೇ ಗುರುತಿಸುತ್ತಾರೆ. 180ರಿಂದ 240ಕ್ಕೆ ಏರಿದರೆ ಉಳಿಯುವುದು ಒಂದೂವರೆ ಮಿಲಿಸೆಕೆಂಡಿಗೂ ಕಡಿಮೆ. ಸ್ಪರ್ಧೆಗಳಲ್ಲಿ ಆಡುವವರಿಗೆ ಅದೂ ಬೇಕಾಗಬಹುದು, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಸಂಜೆ ಗೆಳೆಯರೊಂದಿಗೆ ಆಡುವವನು ಆ ಹಣವನ್ನು ಒಳ್ಳೆಯ ಪ್ಯಾನೆಲ್‌ಗೆ ಹಾಕುವುದು ಲೇಸು.

ಡಬ್ಬದ ಮೇಲಿನ "1 ಎಂಎಸ್" (ಒಂದು ಮಿಲಿಸೆಕೆಂಡ್) ಎಂಬ ಬರಹದ ಬಗ್ಗೆಯೂ ಒಂದು ಮಾತು. ಅದು ಎರಡು ಬೇರೆ ಬೇರೆ ಅಳತೆಗಳಲ್ಲಿ ಯಾವುದಾದರೂ ಆಗಿರಬಹುದು. ಜಿಟಿಜಿ ಎಂದು ಬರೆದಿದ್ದರೆ ಅದು ಒಂದು ಬೂದು ಛಾಯೆಯಿಂದ ಇನ್ನೊಂದಕ್ಕೆ ತಿರುಗಲು ಹಿಡಿಯುವ ಸಮಯ, ಅದೂ ಕಂಪನಿ ಆರಿಸಿಕೊಂಡ ಅತ್ಯಂತ ಅನುಕೂಲದ ಜೋಡಿಯದು. ಎಂಪಿಆರ್‌ಟಿ ಎಂದಿದ್ದರೆ ಹಿಂಬದಿಯ ದೀಪವನ್ನು ಪ್ರತಿ ಚಿತ್ರದ ನಡುವೆ ಆರಿಸಿ ಹೊತ್ತಿಸಿ ಪಡೆದ ಅಂಕಿ. ಆ ಸೌಲಭ್ಯವನ್ನು ಹಾಕಿದರೆ ಬೆಳಕು ಕುಗ್ಗುತ್ತದೆ, ಹೆಚ್ಚಿನ ಮಾನಿಟರ್‌ಗಳಲ್ಲಿ ಪರದೆಯನ್ನು ಫ್ರೇಮ್‌ಗಳ ಲಯಕ್ಕೆ ಹೊಂದಿಸುವ ಫ್ರೀಸಿಂಕ್ ಕೂಡ ಜೊತೆಗೆ ಕೆಲಸ ಮಾಡುವುದಿಲ್ಲ. ಅಂಗಡಿಯಲ್ಲಿ ಟೆಸ್ಟ್ ಯುಎಫ್‌ಓ ಎಂಬ ಉಚಿತ ಜಾಲತಾಣ ತೆರೆದು, ಓಡುವ ಹಾರುತಟ್ಟೆಯ ಬಾಲವನ್ನು ನೋಡುತ್ತಾ ಮಾನಿಟರಿನ ಮೆನುವಿನಲ್ಲಿ ಹರಳುಗಳನ್ನು ಬೇಗ ತಿರುಗಿಸುವ ಓವರ್‌ಡ್ರೈವ್ ಸೌಲಭ್ಯದ ಮಟ್ಟವನ್ನು ಬದಲಿಸಿದೆವು. ನಡುವಣ ಮಟ್ಟದಲ್ಲಿ ಮೊದಲ ಐಪಿಎಸ್‌ನ ಚಿತ್ರ ಚೊಕ್ಕವಾಗಿತ್ತು. ಅತಿ ಮೇಲಿನ ಮಟ್ಟಕ್ಕೆ ಒಯ್ದಾಗ ತಟ್ಟೆಯ ಹಿಂದೆ ಬೆಳ್ಳಗಿನ ಅಂಚು ಮೂಡಿತು. ಡಬ್ಬದ ಮೇಲಿನ ಒಂದು ಮಿಲಿಸೆಕೆಂಡ್ ಅನೇಕ ಬಾರಿ ಆ ಮೇಲಿನ ಮಟ್ಟದ್ದಾಗಿರುತ್ತದೆ, ಅದನ್ನು ಯಾರೂ ದಿನನಿತ್ಯ ಬಳಸಲಾರರು.

ಇನ್ನು ಗ್ರಾಫಿಕ್ಸ್ ಕಾರ್ಡ್‌ನ ಮಾತು. ವ್ಯಾಲರಂಟ್ ಹಗುರವಾದ ಆಟ. 3060ನಂಥ ಕಾರ್ಡ್ 1080ಪಿಯಲ್ಲಿ ಸೆಕೆಂಡಿಗೆ 200ಕ್ಕೂ ಹೆಚ್ಚು ಫ್ರೇಮ್ ಸುಲಭವಾಗಿ ಕೊಡುತ್ತದೆ. ಅದೇ ಕಾರ್ಡ್ ಹೊಸ ಕಾಲದ ಭಾರಿ ಆಟಗಳಲ್ಲಿ 1440ಪಿಯಲ್ಲಿ ಅದರ ಅರ್ಧಕ್ಕೂ ಇಳಿಯುತ್ತದೆ. ಅಂಥ ಕಡೆ ನೆರವಿಗೆ ಬರುವುದು ಫ್ರೇಮ್ ಬಂದ ಲಯಕ್ಕೆ ಪರದೆಯೇ ಹೊಂದಿಕೊಳ್ಳುವ ವ್ಯವಸ್ಥೆ. ಎನ್‌ವಿಡಿಯಾ ಇದನ್ನು 2013ರಲ್ಲಿ ಜಿ-ಸಿಂಕ್ ಎಂಬ ಹೆಸರಿನಲ್ಲಿ ಪ್ರತ್ಯೇಕ ಚಿಪ್‌ನೊಂದಿಗೆ ಪ್ರಕಟಿಸಿತು. ಆಗ ಮಾನಿಟರ್ ಬೆಲೆಯೂ ಅದಕ್ಕೆ ತಕ್ಕಂತೆ ಏರಿತ್ತು. ಇನ್ನೊಂದು ಚಿಪ್ ಕಂಪನಿ ಎಎಂಡಿಯ ಇದೇ ಬಗೆಯ ಫ್ರೀಸಿಂಕ್ ಇರುವ ಮಾನಿಟರ್‌ಗಳು 2015ರಲ್ಲಿ ಮಾರುಕಟ್ಟೆಗೆ ಬಂದವು. 2019ರ ಜನವರಿಯಿಂದ ಎನ್‌ವಿಡಿಯಾ ಕಾರ್ಡ್‌ಗಳೂ ಫ್ರೀಸಿಂಕ್ ಪರದೆಗಳಲ್ಲಿ ಈ ಕೆಲಸ ಮಾಡತೊಡಗಿದ್ದರಿಂದ ಇಂದು ಸಾಮಾನ್ಯ ಬೆಲೆಯ ಮಾನಿಟರ್‌ನಲ್ಲಿಯೂ ಇದು ಸಿಗುತ್ತದೆ. ಅಂಗಡಿಯವರನ್ನು ಕೇಳಬೇಕಾದದ್ದು ಅದು ಕೆಲಸ ಮಾಡುವ ವ್ಯಾಪ್ತಿಯನ್ನು: 48ರಿಂದ 180 ಹರ್ಟ್ಸ್ ಎಂದಿದ್ದರೆ ಒಳ್ಳೆಯದು.

1440ಪಿಯ ಮೂರನೆಯ ಮಾನಿಟರ್ ನನ್ನ ಮನಸ್ಸನ್ನು ಗೆದ್ದದ್ದು ಆಟದಿಂದಲ್ಲ, ಅಕ್ಷರದಿಂದ. ಹುಡುಗ ಅದೇ ಪರದೆಯ ಮೇಲೆ ಪಾಠದ ಟಿಪ್ಪಣಿ ಓದಬೇಕು, ನಾನು ಅವರ ಮನೆಗೆ ಹೋದಾಗ ಒಂದಿಷ್ಟು ಟೈಪ್ ಮಾಡುವುದೂ ಉಂಟು. 27 ಇಂಚಿನ 1080ಪಿ ಪರದೆಯಲ್ಲಿ ಇಂಚಿಗೆ ಸುಮಾರು 82 ಪಿಕ್ಸೆಲ್ ಮಾತ್ರ ಇರುತ್ತವೆ. 24 ಇಂಚಿನಲ್ಲಿ 92. 27 ಇಂಚಿನ 1440ಪಿಯಲ್ಲಿ 109. ಇಂಗ್ಲಿಷ್ ಅಕ್ಷರ 82ರಲ್ಲಿಯೂ ಹೇಗೋ ಓದಿಸಿಕೊಳ್ಳುತ್ತದೆ. ಕನ್ನಡದ ಒತ್ತಕ್ಷರ ಹಾಗಲ್ಲ. "ಶಾಸ್ತ್ರ", "ಲಕ್ಷ್ಮಿ" ಎಂಬ ಪದಗಳನ್ನು ಸಣ್ಣ ಗಾತ್ರದಲ್ಲಿ ಮೂರೂ ಪರದೆಗಳ ಮೇಲೆ ತೆರೆದು ನೋಡಿದೆ. ಬಾಗಿದ ಪರದೆಯಲ್ಲಿ ಕೆಳಗಿನ ಒತ್ತುಗಳು ಒಂದಕ್ಕೊಂದು ಅಂಟಿಕೊಂಡು ಚುಕ್ಕೆಯಾಗಿದ್ದವು. 24 ಇಂಚಿನಲ್ಲಿ ಓದಬಹುದಿತ್ತು. 1440ಪಿಯಲ್ಲಿ ಮಾತ್ರ ತಕಾರದ ಒತ್ತು, ರಕಾರದ ಒತ್ತು ಎರಡೂ ಬೇರೆ ಬೇರೆಯಾಗಿ ಎದ್ದು ಕಂಡವು. ಕನ್ನಡದಲ್ಲಿ ಓದುಬರಹ ಮಾಡುವ ಮನೆಗಳಿಗೆ ಇದು ದೊಡ್ಡ ವಿಷಯ, ಮಾನಿಟರ್ ವಿಮರ್ಶೆಗಳಲ್ಲಿ ಇದರ ಪ್ರಸ್ತಾಪವೇ ಇರುವುದಿಲ್ಲವೆಂಬುದು ನನಗೆ ಬೇಸರದ ಸಂಗತಿ. 27 ಇಂಚು ಬೇಕೆನ್ನುವವರು 1080ಪಿಯನ್ನು ದಯವಿಟ್ಟು ಕೈಬಿಡಲಿ.

ಕೊನೆಗೆ ಕೊಂಡದ್ದು ಮೂರನೆಯದನ್ನು. ಮೊದಲನೆಯದಕ್ಕಿಂತ ಅದರ ಬೆಲೆ ಹೆಚ್ಚೇ. ಓದಿಗೂ ಆಟಕ್ಕೂ ಒಂದೇ ಪರದೆ ಸಾಕಾಗುವುದರಿಂದ ಅಕ್ಕ ಒಪ್ಪಿದರು. ಆಟಕ್ಕೆ ಮಾತ್ರ ಬೇಕಾಗಿದ್ದು ಕೈಯಲ್ಲಿ ಹಣ ಕಡಿಮೆಯಿದ್ದರೆ 24 ಇಂಚಿನ ಐಪಿಎಸ್ ಅನ್ನು ಕಣ್ಣುಮುಚ್ಚಿ ತೆಗೆದುಕೊಳ್ಳಬಹುದು. ಎಚ್‌ಡಿಆರ್ (ಬೆಳಕು ಕತ್ತಲೆಗಳ ಅಂತರವನ್ನು ಹಿಗ್ಗಿಸಿ ತೋರಿಸುವ ಸೌಲಭ್ಯ) ಎಂಬ ಚೀಟಿಗಾಗಿ ಹೆಚ್ಚು ಹಣ ಕೊಡಬೇಕಾಗಿಲ್ಲ. ಡಿಸ್‌ಪ್ಲೇ ಎಚ್‌ಡಿಆರ್ 400 ಎಂಬ ಮಟ್ಟಕ್ಕೆ ಪರದೆಯ ಭಾಗಭಾಗವನ್ನು ಬೇರೆಯಾಗಿ ಬೆಳಗಿಸುವ ವ್ಯವಸ್ಥೆಯ ಅಗತ್ಯವೇ ಇಲ್ಲ; ಅದಿಲ್ಲದ ಪರದೆಯಲ್ಲಿ ಎಚ್‌ಡಿಆರ್‌ನ ಲಾಭ ಹೆಚ್ಚು ಕಾಣುವುದಿಲ್ಲ.

ಮನೆಯಲ್ಲಿ ಜೋಡಿಸುವಾಗ ಗಮನಿಸಬೇಕಾದ ಕೆಲವು ಸಂಗತಿಗಳಿವೆ. ಡಬ್ಬದಲ್ಲಿ ಎಚ್‌ಡಿಎಂಐ ಕೇಬಲ್ ಮಾತ್ರ ಇತ್ತು. ಅದನ್ನು ಹಾಕಿದಾಗ ಪಟ್ಟಿಯಲ್ಲಿ 144ಕ್ಕಿಂತ ಮೇಲಿನ ಆಯ್ಕೆ ಕಾಣಲಿಲ್ಲ. ಈ ಬಗೆಯ ಹಲವು ಮಾನಿಟರ್‌ಗಳ ಎಚ್‌ಡಿಎಂಐ 2.0 ಕಿಂಡಿ 1440ಪಿಯಲ್ಲಿ ಅಷ್ಟಕ್ಕೇ ನಿಲ್ಲುತ್ತದೆ. ಪೂರ್ಣ 180 ಸಿಕ್ಕಿದ್ದು ಡಿಸ್‌ಪ್ಲೇಪೋರ್ಟ್ ಕೇಬಲ್ ಹಾಕಿದ ಮೇಲೆ. ಅದನ್ನು ಅಂಗಡಿಯಲ್ಲಿಯೇ ಹೇಳಿ ಕೊಡಬೇಕಿತ್ತು. ಅಷ್ಟು ಚೆನ್ನಾಗಿ ನಡೆಸಿಕೊಂಡ ಅಂಗಡಿಯ ಬಗ್ಗೆ ನನಗಿರುವ ಒಂದೇ ದೂರು ಇದು. ಕೇಬಲ್ಲನ್ನು ಗ್ರಾಫಿಕ್ಸ್ ಕಾರ್ಡ್‌ನ ಕಿಂಡಿಗೇ ಚುಚ್ಚಬೇಕು, ಮದರ್‌ಬೋರ್ಡ್‌ನ ಕಿಂಡಿಗಲ್ಲ. ಆಮೇಲೆ ವಿಂಡೋಸ್‌ನ ಸೆಟ್ಟಿಂಗ್ಸ್‌ನಲ್ಲಿ ಸಿಸ್ಟಮ್, ಡಿಸ್‌ಪ್ಲೇ, ಅಡ್ವಾನ್ಸ್ಡ್ ಡಿಸ್‌ಪ್ಲೇ ಎಂದು ಹೋಗಿ 180 ಆರಿಸಬೇಕು. ಹಾಗೆ ಮಾಡದಿದ್ದರೆ ಹೊಸ ಮಾನಿಟರ್ ಅನೇಕ ಬಾರಿ 60ರಲ್ಲಿಯೇ ಉಳಿಯುತ್ತದೆ, ದುಡ್ಡು ಕೊಟ್ಟ ವೇಗ ಡಬ್ಬದಲ್ಲಿಯೇ ಇರುತ್ತದೆ.

ನಮ್ಮ ಊರಿನ ಬಿಸಿಲು, ಧೂಳು, ಕರೆಂಟ್ ಮೂರನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ಏಪ್ರಿಲ್, ಮೇ ತಿಂಗಳಲ್ಲಿ 40 ಡಿಗ್ರಿ ದಾಟುವ ಬಳ್ಳಾರಿಯಲ್ಲಿ ಮಧ್ಯಾಹ್ನ ಕಿಟಕಿಗೆ ಎದುರಾಗಿ ಇಟ್ಟ ಪರದೆ ಮಂಕಾಗಿ ಕಾಣುತ್ತದೆ. ಪರದೆಯ ಬೆಳಕು (ಇದರ ಅಳತೆ ನಿಟ್) 250 ನಿಟ್‌ಗಿಂತ 350 ನಿಟ್ ಇರುವುದನ್ನು ಆರಿಸಿ, ಕಿಟಕಿ ಪಕ್ಕಕ್ಕೆ ಬರುವಂತೆ ಮೇಜು ತಿರುಗಿಸಿದರೆ ಸಾಕು. ಅದಿರು ಲಾರಿಗಳು ಓಡಾಡುವ ರಸ್ತೆಯ ಬದಿಯ ಮನೆಗಳಲ್ಲಿ ಕೆಂಧೂಳು ಪರದೆಯ ಮೇಲೆ ಪದರಗಟ್ಟುತ್ತದೆ. ಅದನ್ನು ಒಣಬಟ್ಟೆಯಿಂದ ಒತ್ತಿ ಒರೆಸಿದರೆ ಮ್ಯಾಟ್ ಲೇಪದ ಮೇಲೆ ಗೀರು ಬೀಳುತ್ತದೆ. ಮೊದಲು ಊದಿ ಧೂಳು ಹಾರಿಸಿ, ನಂತರ ತುಸು ತೇವವಿರುವ ಮೈಕ್ರೋಫೈಬರ್ ಬಟ್ಟೆಯಿಂದ ಮೆಲ್ಲಗೆ ಒರೆಸಬೇಕು. ಕರೆಂಟ್ ಹೋದಾಗಿನ ಭದ್ರತೆಗೆ ಮನೆಗಳಲ್ಲಿ ಸಾಮಾನ್ಯವಾಗಿ ಇರುವ 600 ವಿಎ (ಇಲ್ಲಿ ವಿಎ ಎಂದರೆ ವೋಲ್ಟ್-ಆಂಪಿಯರ್) ಯುಪಿಎಸ್ 360 ವಾಟ್‌ನಷ್ಟು ಹೊರೆಯನ್ನು ಮಾತ್ರ ಹೊರುತ್ತದೆ. ಆಟ ನಡೆಯುವಾಗ ಕಂಪ್ಯೂಟರ್ ಮತ್ತು ಮಾನಿಟರ್ ಸೇರಿ ಅದರ ಅಂಚಿಗೆ ಬರುವುದರಿಂದ 1 ಕೆವಿಎ ಇರುವುದು ಕ್ಷೇಮ.

ಆನ್‌ಲೈನ್‌ನಲ್ಲಿ ಇದೇ ಮಾನಿಟರ್ ಸ್ವಲ್ಪ ಅಗ್ಗವಾಗಿ ಸಿಗುತ್ತಿತ್ತು. ಆದರೂ ಅಂಗಡಿಯಲ್ಲಿಯೇ ಕೊಂಡದ್ದಕ್ಕೆ ನನಗೆ ಸಮಾಧಾನವಿದೆ, ಏಕೆಂದರೆ ಹಣ ಕೊಡುವ ಮೊದಲೇ ಪರದೆಯನ್ನು ಪೂರ್ತಿ ಕಪ್ಪು, ಬಿಳಿ, ಕೆಂಪು, ಹಸಿರು, ನೀಲಿ ಬಣ್ಣಗಳಲ್ಲಿ ತೋರಿಸಿ ಸತ್ತ ಪಿಕ್ಸೆಲ್ ಇದೆಯೇ ಎಂದು ಪರೀಕ್ಷಿಸಲು ಅವರು ಬಿಟ್ಟರು. ಒಂದೆರಡು ಸತ್ತ ಪಿಕ್ಸೆಲ್ ಇದ್ದ ಮಾತ್ರಕ್ಕೆ ಹಲವು ಕಂಪನಿಗಳು ವಾರಂಟಿಯಲ್ಲಿ ಬದಲಿಸಿ ಕೊಡುವುದಿಲ್ಲವಾದ್ದರಿಂದ ಈ ಐದು ನಿಮಿಷ ಬಹಳ ಬೆಲೆಬಾಳುವಂಥದ್ದು. ವಾರಂಟಿ ಮೂರು ವರ್ಷ ಎಂದಿದ್ದರೂ ಬಳ್ಳಾರಿಯ ಪಿನ್‌ಕೋಡ್‌ಗೆ ಕಂಪನಿಯವರು ಮನೆಗೇ ಬರುತ್ತಾರೆಯೇ ಅಥವಾ ಪರದೆಯನ್ನು ನಾವೇ ಹುಬ್ಬಳ್ಳಿಗೋ ಬೆಂಗಳೂರಿಗೋ ಹೊತ್ತೊಯ್ಯಬೇಕೇ ಎಂದು ಕಂಪನಿಯ ಸಹಾಯವಾಣಿಗೆ ಅಂಗಡಿಯಿಂದಲೇ ಫೋನ್ ಮಾಡಿ ಕೇಳಿಕೊಂಡೆವು. ಜಿಎಸ್‌ಟಿ ಬಿಲ್ಲಿನಲ್ಲಿ ಮಾನಿಟರಿನ ಸೀರಿಯಲ್ ನಂಬರ್ ಬರೆಸಿಕೊಳ್ಳಿ. ಥರ್ಮೋಕೋಲ್ ಸಮೇತ ಡಬ್ಬವನ್ನು ವಾರಂಟಿ ಮುಗಿಯುವವರೆಗೆ ಅಟ್ಟದ ಮೇಲೆ ಎತ್ತಿಡಿ, ಪರದೆಯನ್ನು ಸರ್ವಿಸ್‌ಗೆ ಕಳಿಸಬೇಕಾಗಿ ಬಂದರೆ ಅದರಲ್ಲಿಯೇ ಕಳಿಸಬಹುದು.