ಶಿರಸಿ ಕಡೆಯ ತೋಟದ ಮನೆಯಲ್ಲಿ ಮೂರು ದಿನ: ಊಟಕ್ಕೆ ಪೂರ್ತಿ ಅಂಕ, ಕೋಣೆಗೆ ಅರ್ಧ

ಮೊದಲು ಕೋಣೆಯ ವಿಷಯ ಮುಗಿಸಿಬಿಡುತ್ತೇನೆ. ಬೈಯೋದು ಇರುವುದು ಅಲ್ಲೇ.

ಬುಕಿಂಗ್ ತಾಣದಲ್ಲಿ ಹಾಕಿದ್ದ ಫೋಟೊದಲ್ಲಿ ಹಳೇ ಮನೆಯ ಜಗಲಿ, ಮರದ ಕಂಬ, ಕೆಂಪು ನೆಲ ಎಲ್ಲ ಇತ್ತು. ನಮಗೆ ಸಿಕ್ಕಿದ್ದು ಕೊಟ್ಟಿಗೆಯ ಆಚೆ ಹೊಸದಾಗಿ ಎಬ್ಬಿಸಿದ, ಮೇಲೆ ತಗಡು ಹೊದಿಸಿದ ಕೋಣೆ. ಹೋಗಿದ್ದು ಜುಲೈ ಕೊನೆಯ ವಾರ. ಆ ಸೀಮೆಯ ಮಳೆ ತಗಡಿನ ಮೇಲೆ ಬಿದ್ದರೆ ಹೇಗಿರುತ್ತದೆ ಅಂತ ಮಾತ್ರ ಕೇಳಬೇಡಿ. ರಾತ್ರಿ ಹೆಂಡತಿ ಏನೋ ಕೇಳಿದಳು, ನಾನು ಸುಮ್ನೆ "ಹೂಂ" ಅಂದೆ. ಅವಳು ಕೇಳಿದ್ದು ಬಾಗಿಲು ಹಾಕಿದ್ದೀರಾ ಅಂತ. ಬೆಳಿಗ್ಗೆ ಎದ್ದು ನೋಡಿದರೆ ಮನೆಯ ನಾಯಿ ನಮ್ಮ ಬ್ಯಾಗಿನ ಮೇಲೆ ಸುಖವಾಗಿ ಮಲಗಿತ್ತು.

ಕೇಳಿದ್ದಕ್ಕೆ ಯಜಮಾನರು ಮುಚ್ಚುಮರೆ ಮಾಡಲಿಲ್ಲ. ಹಳೇ ಮನೆಯಲ್ಲಿ ನೆಂಟರಿಗೆ ಕೊಡುವಂಥದ್ದು ಒಂದೇ ಕೋಣೆ, ಅದಕ್ಕೆ ಧಾರವಾಡದ ಒಂದು ಕುಟುಂಬ ಮೊದಲೇ ಬಂದಿದೆ, ಫೋಟೊ ಹಾಕಿದ್ದು ಮಗ ಅಂದರು. ಮಗ ಇರುವುದು ಬೆಂಗಳೂರಿನಲ್ಲಿ. ಬೈಯೋಣ ಅಂದರೆ ಕೈಗೆ ಸಿಗುವುದಿಲ್ಲ! ಇನ್ನೊಂದು ಲೆಕ್ಕ ಆಮೇಲೆ ಗೊತ್ತಾಯಿತು. ತಾಣದಲ್ಲಿ ನಾವು ತಲೆಗೆ ದಿನಕ್ಕೆ 2,400 ರೂಪಾಯಿ ಕೊಟ್ಟಿದ್ದೆವು, ನೇರವಾಗಿ ಫೋನ್ ಮಾಡಿಕೊಂಡು ಬಂದ ಧಾರವಾಡದವರು 1,800. ಊಟ ತಿಂಡಿ ಎಲ್ಲ ಸೇರಿ. ನೀವು ಹೋಗುವುದಾದರೆ ಎಲ್ಲಿಗೇ ಆದರೂ ಮೊದಲು ಫೋನ್ ಮಾಡಿ, ಯಾವ ಕೋಣೆ ಕೊಡುತ್ತೀರಿ ಅಂತ ಬಾಯಿಬಿಟ್ಟು ಕೇಳಿ.

ಮನೆಯ ಹೆಸರು ಬರೆಯುತ್ತಿಲ್ಲ. ಬಾಡಿಗೆಗೆ ಇರುವುದೇ ಎರಡು ಕೋಣೆ, ಎಲ್ಲೂ ಹಾಕಬೇಡಿ ಅಂತ ಅವರೇ ಹೇಳಿದರು. ಶಿರಸಿ, ಸಿದ್ದಾಪುರ, ಯಲ್ಲಾಪುರ ಕಡೆ ಇಂಥ ಮನೆಗಳು ಬೇಕಾದಷ್ಟಿವೆ, ಹಾಗಾಗಿ ಓದಿದವರಿಗೆ ನಷ್ಟವೇನಿಲ್ಲ.

ಬೆಂಗಳೂರಿನಿಂದ ಶಿರಸಿಗೆ ರಾತ್ರಿ ಬಸ್ಸು. ರೈಲೇ ಬೇಕು ಅನ್ನುವವರು ತಾಳಗುಪ್ಪದ ತನಕ ಬಂದು ಅಲ್ಲಿಂದ ಬಸ್ಸು ಹಿಡಿಯಬಹುದು. ಶಿರಸಿಯಿಂದ ಯಜಮಾನರೇ ಜೀಪು ಕಳಿಸಿದ್ದರು. ಕೊನೆಗೆ ಹಳ್ಳಕ್ಕೆ ಅಡಿಕೆ ಮರ ಅಡ್ಡ ಹಾಕಿ ಕಟ್ಟಿದ ಸಂಕ ದಾಟಬೇಕು. ಕೆಳಗೆ ಕೆಂಪು ನೀರು ಭೋರ್ಗರೆಯುತ್ತಿತ್ತು, ಹೆಗಲಲ್ಲಿ ಬ್ಯಾಗು, ಕೈಯಲ್ಲಿ ಕೊಡೆ. ಆ ಹತ್ತು ಹೆಜ್ಜೆ ಇಟ್ಟ ಮೇಲೆ ಮುಂದಿನ ಮೂರು ದಿನ ನನಗೆ ಯಾವ ಸಾಹಸ ಚಟುವಟಿಕೆಯೂ ಬೇಕು ಅನ್ನಿಸಲಿಲ್ಲ.

ಜಗಲಿ ಹತ್ತಿದ ತಕ್ಷಣ ಮನೆಯ ಅಮ್ಮ ಬೆಲ್ಲ, ನೀರು ತಂದಿಟ್ಟು, "ಆಸರಿಗೆ ಎಂತ ಮಾಡ್ಲಿ?" ಅಂದರು. ಬಾಯಾರಿಕೆಗೆ ಏನು ಕೊಡಲಿ ಅಂತ ಅರ್ಥ. ಚಹಾ ಇದೆ, ಕಾಫಿ ಇದೆ, ಆದರೆ ನೀವು ಕಷಾಯ ಅನ್ನಿ. ಕೊತ್ತಂಬರಿ, ಜೀರಿಗೆ ಹುರಿದು ಪುಡಿ ಮಾಡಿ, ಹಾಲು ಬೆಲ್ಲ ಹಾಕಿ ಕುದಿಸಿದ್ದು. ಬಸ್ಸಿನಲ್ಲಿ ನಿದ್ದೆಗೆಟ್ಟ ಮೈಗೆ ಅದೊಂದು ಲೋಟ ಸಾಕು.

ಈಗ ಅಡುಗೆಮನೆ. ನಾನು ಇದನ್ನೆಲ್ಲ ಬರೆಯುತ್ತಿರುವುದೇ ಇದಕ್ಕಾಗಿ.

ಮೊದಲ ದಿನ ಮಧ್ಯಾಹ್ನ ಬಾಳೆ ಎಲೆಗೆ ತೆಳು ಹಸಿರು ಬಣ್ಣದ ಏನನ್ನೋ ಬಡಿಸಲು ಬಂದರು. ಮಜ್ಜಿಗೆ ಇರಬೇಕು ಅಂದುಕೊಂಡು "ಕೊನೆಗೆ ಹಾಕಿ" ಅಂದೆ. ಅಜ್ಜಿ ನಕ್ಕುಬಿಟ್ಟರು. ಅದು ಒಂದೆಲಗದ ತಂಬುಳಿ, ಅಲ್ಲಿ ಊಟ ಶುರುವಾಗುವುದೇ ಅದರಿಂದ. ಮರುದಿನ ಮಾಡುವುದನ್ನು ನೋಡಿದೆ. ಅಂಗಳದ ಅಂಚಿನಿಂದ ಒಂದು ಹಿಡಿ ಎಲೆ ಕಿತ್ತು ತಂದರು, ತುಪ್ಪದಲ್ಲಿ ಜೀರಿಗೆ, ನಾಲ್ಕು ಕಾಳುಮೆಣಸಿನ ಜೊತೆ ಬಾಡಿಸಿದರು, ಕಾಯಿತುರಿ ಹಾಕಿ ರುಬ್ಬಿದರು, ಕಡೆದ ಮಜ್ಜಿಗೆಗೆ ಸೇರಿಸಿದರು. ಕುದಿಸುವ ಹಾಗಿಲ್ಲ. ಅಷ್ಟೇ! ರುಬ್ಬಿದ್ದು ಮಿಕ್ಸಿಯಲ್ಲೇ, ಒರಳಿನಲ್ಲಿ ಅಲ್ಲ. ಒರಳು ಮೂಲೆಯಲ್ಲಿತ್ತು, ಅದರ ಮೇಲೆ ಹಾಲಿನ ಕ್ಯಾನು ಕೂತಿತ್ತು. ನಮಗೆ ತೋರಿಸಲು ಅಂತ ಒರಳು ತಿರುಗಿಸಲಿಲ್ಲ ಅನ್ನುವುದೇ ನನಗೆ ಇಷ್ಟವಾಯಿತು.

ಕೆಸುವಿನ ಸೊಪ್ಪಿನ ಕರಕಲಿ ಎರಡನೇ ದಿನ. ನೋಡಲು ಕೆಸರಿನ ಹಾಗೇ ಇರುತ್ತದೆ, ಸುಳ್ಳು ಹೇಳುವುದಿಲ್ಲ. ಸೊಪ್ಪನ್ನು ಹುಳಿ, ಸೂಜಿಮೆಣಸು ಹಾಕಿ ಕರಗುವವರೆಗೆ ಬೇಯಿಸಿ, ಮೇಲೆ ಬೆಳ್ಳುಳ್ಳಿ ಒಗ್ಗರಣೆ. ಹುಳಿ ಕಡಿಮೆಯಾದರೆ ಗಂಟಲು ತುರಿಸುತ್ತದೆ, ಅದಕ್ಕೆ ಅಮ್ಮ ಒಣಗಿಸಿಟ್ಟ ವಾಟೆಹುಳಿಯನ್ನು ಲೆಕ್ಕ ಮಾಡಿ ಹಾಕಿದರು, ಆಮೇಲೆ ಲೆಕ್ಕ ಮರೆತು ಇನ್ನೆರಡು ಹಾಕಿದರು. ಬಿಸಿ ಅನ್ನಕ್ಕೆ ಕರಕಲಿ, ಪಕ್ಕದಲ್ಲಿ ಕೆಂಡದ ಮೇಲೆ ಸುಟ್ಟ ಹಲಸಿನ ಹಪ್ಪಳ, ಹೊರಗೆ ಮಳೆ. ನಾನು ಮೂರು ಸಲ ಅನ್ನ ಹಾಕಿಸಿಕೊಂಡೆ, ಹೆಂಡತಿ ಎಣಿಸುತ್ತಿದ್ದಳು.

ಕಳಲೆ ಪಲ್ಯ ಬೇಕು ಅಂತ ಬಂದ ಸಂಜೆಯೇ ಕೇಳಿದ್ದೆ. ಸಿಕ್ಕಿದ್ದು ಹೊರಡುವ ದಿನ. ಎಳೇ ಬಿದಿರನ್ನು ಹೆಚ್ಚಿ ನೀರಿನಲ್ಲಿ ಹಾಕಿ, ದಿನಾ ನೀರು ಬದಲಿಸುತ್ತಾ ಎರಡು ಮೂರು ದಿನ ಇಡಬೇಕು, ಇಲ್ಲದಿದ್ದರೆ ಅದರಲ್ಲಿರುವ ವಿಷದ ಅಂಶ ಹೋಗುವುದಿಲ್ಲ. ಹೋಟೆಲಿನಲ್ಲಿ ಆರ್ಡರ್ ಮಾಡಿ ಹತ್ತು ನಿಮಿಷಕ್ಕೆ ತರಿಸಿಕೊಳ್ಳುವವರಿಗೆ ಇದು ಸ್ವಲ್ಪ ಕಷ್ಟ. ಏನು ತಿನ್ನಬೇಕು ಅಂತ ಆಸೆ ಇದೆಯೋ ಅದನ್ನು ಹೋಗುವ ಮೊದಲೇ ಫೋನಿನಲ್ಲಿ ಹೇಳಿಬಿಡಿ.

ಅಪ್ಪೆಹುಳಿಯ ಬಗ್ಗೆ ಒಂದು ಎಚ್ಚರಿಕೆ. ಉಪ್ಪಿನಲ್ಲಿಟ್ಟ ಮಾವಿನಕಾಯಿ ಕಿವುಚಿ, ನೀರು ಬೆರೆಸಿ, ಇಂಗು, ಸಾಸಿವೆ, ಒಣಮೆಣಸಿನ ಒಗ್ಗರಣೆ ಕೊಟ್ಟ ತಿಳಿ ಸಾರು. ಅನ್ನಕ್ಕೆ ಕಲಸಿಕೊಳ್ಳುವುದಕ್ಕಿಂತ ಲೋಟದಲ್ಲಿ ಕುಡಿಯುವುದೇ ಜಾಸ್ತಿ. ಎರಡು ಲೋಟ ಏರಿಸಿ ಮಲಗಿದರೆ ಸಂಜೆ ಚಹಾಕ್ಕೆ ಕರೆಯುವವರೆಗೆ ಎಚ್ಚರವಿಲ್ಲ. ಮಧ್ಯಾಹ್ನ ಎಲ್ಲಾದರೂ ಸುತ್ತಲು ಹೋಗುವ ಪ್ಲಾನ್ ಇದ್ದರೆ ಅಂದು ಅಪ್ಪೆಹುಳಿ ಬೇಡ. ಅಟ್ಟದ ಕೆಳಗೆ ಸಾಲಾಗಿ ಭರಣಿಗಳಿದ್ದವು. ಒಂದೊಂದರ ಮುಚ್ಚಳ ತೆಗೆದು ಮೂಸಿ ನೋಡಿ ಅಂದರು ಅಜ್ಜಿ. ಒಂದು ಮರದ ಮಿಡಿಗೆ ಜೀರಿಗೆ ವಾಸನೆ, ಇನ್ನೊಂದಕ್ಕೆ ಕರ್ಪೂರದ ವಾಸನೆ. ಅಪ್ಪೆಮಿಡಿಗೆ ಜಿಐ ಟ್ಯಾಗ್, ಅಂದರೆ ಇದು ಈ ಸೀಮೆಯದ್ದೇ ಅನ್ನುವ ಸರ್ಕಾರಿ ಗುರುತು ಇದೆ, ಶಿರಸಿ ಅಡಿಕೆಗೂ 2019ರಲ್ಲಿ ಸಿಕ್ಕಿದೆ. ಅಜ್ಜಿಗೆ ಅದರ ಗೊಡವೆ ಇಲ್ಲ. ಯಾವ ಭರಣಿ ಯಾವ ಮರದ್ದು ಅನ್ನುವುದು ಮಾತ್ರ ಬಾಯಿಪಾಠ.

ಫೋಟೊದಲ್ಲಿ ತೊಡೆದೇವು ಅನ್ನುವ, ಕಾಗದದಷ್ಟು ತೆಳ್ಳಗಿನ ಸಿಹಿತಿಂಡಿ ಕೂಡ ಇತ್ತು. ಕೇಳಿದರೆ ಅಮ್ಮ, "ಈಗೆಲ್ಲಿ ಬರ್ತದೆ ತಮ್ಮಾ, ಅದಕ್ಕೆ ಕಬ್ಬಿನ ಹಾಲು ಬೇಕಲ್ಲ, ಆಲೆಮನೆ ಹೊತ್ತಿಗೆ ಬನ್ನಿ" ಅಂದರು. ಮಗನ ಮೇಲೆ ಎರಡನೇ ದೂರು ಇದು.

ತಿಂಡಿ ಮಾತ್ರ ಮೂರು ದಿನವೂ ದೋಸೆಯೇ. ಒಂದು ದಿನ ತೆಳ್ಳೇವು, ಒಂದು ದಿನ ಸೌತೆಕಾಯಿ ದೋಸೆ, ಇನ್ನೊಂದು ದಿನ ಮತ್ತೆ ತೆಳ್ಳೇವು, ಜೊತೆಗೆ ಜೋನಿಬೆಲ್ಲ, ಅಂದರೆ ನೀರುಬೆಲ್ಲ. ನನಗೆ ಅಡ್ಡಿಯಿಲ್ಲ, ಆದರೆ ಧಾರವಾಡದವರ ಮಗ ಮೂರನೇ ದಿನ ಮುಖ ಸಣ್ಣ ಮಾಡಿಕೊಂಡಿದ್ದ. ಸಾಂಬಾರು ನಮ್ಮ ಬಾಯಿಗೆ ಸ್ವಲ್ಪ ಸಿಹಿ. ಮೊಟ್ಟೆ, ಮೀನು, ಮಾಂಸ ಈ ಮನೆಯಲ್ಲಿ ಇಲ್ಲ, ಹೊರಗಿನಿಂದ ತರುವಂತೆಯೂ ಇಲ್ಲ. ಇನ್ನೊಂದು ವಿಷಯ ಬರೆದೇಬಿಡುತ್ತೇನೆ. ಇಲ್ಲಿ ನಮ್ಮ ಜಾತಿ ಯಾವುದು ಅಂತ ಯಾರೂ ಕೇಳಲಿಲ್ಲ. ಬೇರೊಂದು ಸಲ, ಬೇರೊಂದು ಕಡೆ, ಸುತ್ತಿಬಳಸಿ ಕೇಳಿದ್ದನ್ನು ಅನುಭವಿಸಿದ್ದೇನೆ, ಅಲ್ಲಿ ಅಡುಗೆಮನೆಯ ಹೊಸ್ತಿಲು ದಾಟಿಸಲಿಲ್ಲ. ಇಲ್ಲಿ ಹೊಸ್ತಿಲಲ್ಲಿ ನಿಂತು "ಒಳಗೆ ಬರಬಹುದಾ?" ಅಂದೆ, "ಕಾಲು ತೊಳೆದುಕೊಂಡು ಬನ್ನಿ" ಅಂದರು, ಮುಗಿಯಿತು.

ಒಂದು ಮುಜುಗರ ಇತ್ತು. ಅಮ್ಮ ಬೆಳಿಗ್ಗೆ ಐದಕ್ಕೆ ಎದ್ದು ಹಾಲು ಕರೆಯುತ್ತಾರೆ, ನಾವು ಏಳುವಾಗ ತಿಂಡಿ ತಯಾರು, ನಾವು ಎರಡು ಗಂಟೆಗೆ ಉಂಡು ಉರುಳಿದ ಮೇಲೆ ಅವರ ಊಟ. ಎರಡನೇ ದಿನ ಹೆಂಡತಿ ತಡೆಯಲಾರದೆ ಈಳಿಗೆ ಮಣೆ ಎಳೆದುಕೊಂಡು ಕೂತಳು. ಅಮ್ಮ ಬೇಡ ಬೇಡ ಅಂದರು, ಐದು ನಿಮಿಷಕ್ಕೆ ಬೀನ್ಸಿನ ರಾಶಿ ಇವಳ ಕಡೆಗೆ ತಳ್ಳಿದರು. ಅಲ್ಲಿಂದ ಮಾತು ಶುರು. ಹಾಲಿನ ರೇಟು, ಮಂಗಗಳ ಕಾಟ, ಮಗನಿಗೆ ಹೆಣ್ಣು ಸಿಗುತ್ತಿಲ್ಲದ ಚಿಂತೆ. ಅದೇ ಮಗ. ನನ್ನ ದೂರು ಅರ್ಧ ಅಲ್ಲೇ ಕರಗಿತು.

ತೋಟದ ಕಡೆ. ಒಂದು ಬೆಳಿಗ್ಗೆ ಮಳೆ ಬಿಟ್ಟು ಸ್ವಲ್ಪ ಹೊಳವಾಯಿತು, ಯಜಮಾನರು ನಮ್ಮನ್ನು ಮರೆತೇಬಿಟ್ಟರು. ಅಡಿಕೆಯ ಕೊಳೆರೋಗಕ್ಕೆ ಎರಡನೇ ಸಲ ಔಷಧಿ ಹೊಡೆಯಲು ಅಷ್ಟು ದಿನ ಹೊಳವಿಗೇ ಕಾಯುತ್ತಿದ್ದರಂತೆ. ಒಂದು ಕೆಜಿ ಮೈಲುತುತ್ತ, ಒಂದು ಕೆಜಿ ಸುಣ್ಣ, ನೂರು ಲೀಟರ್ ನೀರು. ಅದೇ ಬೋರ್ಡೋ ದ್ರಾವಣ. ಎರಡನ್ನೂ ಬೇರೆ ಬೇರೆ ಕರಗಿಸಿ ಕೂಡಿಸಿದರು, ತಿಳಿ ನೀಲಿ ಬಣ್ಣ ಬಂತು. ಆಮೇಲೆ ಕತ್ತಿಯ ಅಲಗನ್ನು ಅದರಲ್ಲಿ ಅದ್ದಿ ಬೆಳಕಿಗೆ ಹಿಡಿದರು. ಅಲಗಿನ ಮೇಲೆ ಕೆಂಪಗೆ ತಾಮ್ರದ ಬಣ್ಣ ಹತ್ತಿತು. "ಸುಣ್ಣ ಸಾಲದು" ಅಂದರು. ಇನ್ನಷ್ಟು ಸುಣ್ಣದ ನೀರು ಹೊಯ್ದು, ಕತ್ತಿ ಒರೆಸಿ ಮತ್ತೆ ಅದ್ದಿದರು. ಈ ಸಲ ಅಲಗು ಹಾಗೇ ಇತ್ತು. ಅಡಿಕೆ ಮರ ಹತ್ತುವ ಕೊನೆಗೌಡ ಅಷ್ಟು ಹೊತ್ತಿಗೆ ಕಾಲಿಗೆ ತಳೆ ಅನ್ನುವ ಬಳೆಯಂಥ ಹಗ್ಗ ಹಾಕಿಕೊಂಡು ಮರ ಏರಿಯಾಗಿತ್ತು. ಒಂದು ಮರದಿಂದ ಇಳಿಯದೆ, ಅದನ್ನೇ ಬಾಗಿಸಿ ಪಕ್ಕದ ಮರಕ್ಕೆ ದಾಟಿದರು. ನಾನು ಕೆಳಗೆ ನಿಂತು ಉಸಿರು ಬಿಗಿಹಿಡಿದೆ, ಅವರು ಮೇಲಿಂದ ಎಲೆಅಡಿಕೆಯ ಕವಳ ಅಗಿಯುತ್ತಾ "ಸ್ವಲ್ಪ ಆಚೆ ನಿಲ್ಲಿ, ಔಷಧಿ ಬೀಳ್ತದೆ" ಅಂದರು. ಹಳ್ಳಿ ಜೀವನದ ಅನುಭವ ಅಂತ ಯಾರೋ ಪ್ಯಾಕೇಜು ಮಾಡಿ ಮಾರುತ್ತಾರಲ್ವಾ, ಅದರಲ್ಲಿ ಈ ಕತ್ತಿ ಅದ್ದುವುದು ಇರುವುದಿಲ್ಲ. ನಮಗೂ ಯಾರೂ ತೋರಿಸಲಿಲ್ಲ, ಅಲ್ಲಿ ನಿಂತಿದ್ದಕ್ಕೆ ಕಂಡಿತು ಅಷ್ಟೇ.

ಪ್ಯಾಕೇಜಿನಲ್ಲಿ ಇದ್ದದ್ದು ಗದ್ದೆ ನಾಟಿ. ಅದೂ ಆಯಿತು. ಮೊಣಕಾಲುದ್ದ ಕೆಸರಿನಲ್ಲಿ ನಿಂತು ನಾನು ಎರಡು ಸಾಲು ಸಸಿ ನೆಟ್ಟೆ, ಹೆಂಡತಿ ವಿಡಿಯೊ ತೆಗೆದಳು, ಎಲ್ಲರೂ ಚಪ್ಪಾಳೆ ತಟ್ಟಿದರು. ಬದುವಿನ ಮೇಲೆ ಕಾಲು ತೊಳೆದುಕೊಂಡು ತಿರುಗಿ ನೋಡಿದರೆ, ಇಬ್ಬರು ಹೆಂಗಸರು ಮಾತಿಲ್ಲದೆ ನನ್ನ ಎರಡೂ ಸಾಲನ್ನು ಕಿತ್ತು ಮತ್ತೆ ನೆಡುತ್ತಿದ್ದರು.

ಉಳಿದದ್ದನ್ನು ಬೇಗ ಹೇಳುತ್ತೇನೆ. ಉಂಬಳ, ಅಂದರೆ ರಕ್ತ ಹೀರುವ ಜಿಗಣೆ, ಜಾಸ್ತಿ. ಉಪ್ಪು, ಸುಣ್ಣ ಏನೇ ಹಚ್ಚಿದರೂ ಒಂದೆರಡು ಹತ್ತೇ ಹತ್ತುತ್ತವೆ, ಹೆದರುವವರು ಮಳೆಗಾಲ ಬಿಟ್ಟು ಬನ್ನಿ. ಕರೆಂಟು ಒಂದು ರಾತ್ರಿ ಪೂರ್ತಿ ಇರಲಿಲ್ಲ. ಮೊಬೈಲಿಗೆ ಗುಡ್ಡದ ತುದಿಯಲ್ಲಿ ಎರಡು ಕಡ್ಡಿ ಸಿಗ್ನಲ್ ಬರುತ್ತದೆ. ಮನೆಯಿಂದ ಕೆಲಸ ಮಾಡುತ್ತೇನೆ ಅಂತ ಲ್ಯಾಪ್‌ಟಾಪ್ ತರಬೇಡಿ, ನಾನು ತಂದು ಪೆಟ್ಟು ತಿಂದಿದ್ದೇನೆ. ಇಪ್ಪತ್ತನಾಲ್ಕು ಗಂಟೆ ಬಿಸಿನೀರು ಅಂತ ಬರೆದಿರುವುದು ಬಚ್ಚಲ ಒಲೆಯ ಮೇಲಿನ ಹಂಡೆಯ ನೀರು. ಅದರ ಬಗ್ಗೆ ದೂರಿಲ್ಲ, ಗೀಸರಿಗೆ ಆ ಹೊಗೆಯ ವಾಸನೆ ಎಲ್ಲಿಂದ ಬರಬೇಕು. ಬಟ್ಟೆ ಮಾತ್ರ ಮೂರು ದಿನಕ್ಕೂ ಒಣಗಲಿಲ್ಲ.

ಸುತ್ತಮುತ್ತ ನೋಡಲು ಸೋಂದೆ, ಸಹಸ್ರಲಿಂಗ, ಬನವಾಸಿ, ಯಾಣ ಎಲ್ಲ ಇವೆ. ಈ ಮಳೆಯಲ್ಲಿ ಶಾಲ್ಮಲಾ ತುಂಬಿ ಹರಿಯುವಾಗ ಸಹಸ್ರಲಿಂಗದ ಲಿಂಗಗಳು ನೀರಿನಡಿ ಇರುತ್ತವೆ, ಅಷ್ಟು ದೂರ ಹೋಗಿ ನದಿ ನೋಡಿ ಬರಬೇಕು. ನಾವು ಹೋಗಿದ್ದು ಉಂಚಳ್ಳಿಗೆ. ಅಘನಾಶಿನಿ 116 ಮೀಟರ್ ಎತ್ತರದಿಂದ ಧುಮುಕುತ್ತದೆ ಅಂತ ಫಲಕ ಓದಿಕೊಂಡು ಅರ್ಧ ಗಂಟೆ ನಿಂತೆವು, ಕಂಡಿದ್ದು ಬರೀ ಬಿಳೀ ಮಂಜು. ಸದ್ದು ಮಾತ್ರ ಕಿವಿಗಡಚಿಕ್ಕುವಷ್ಟು. ಅದಕ್ಕೆ ಕೆಪ್ಪ ಜೋಗ ಅಂತಲೂ ಹೆಸರಿದೆ, ಅಂದು ನಮಗೆ ಸಿಕ್ಕಿದ್ದು ಆ ಹೆಸರಿನಷ್ಟೇ. ವಾಪಸು ಬಂದಾಗ ಯಜಮಾನರು, "ಕಂಡಿತಾ?" ಅಂದರು. "ಇಲ್ಲ, ಕೇಳಿಸಿತು" ಅಂದೆ. ಅಮ್ಮ ಒಳಗಿನಿಂದಲೇ "ಊಟಕ್ಕೆ ಬನ್ನಿ" ಅಂದರು.

ಹೊರಡುವಾಗ ಲೆಕ್ಕ ಮಾಡಿ ಕೊಟ್ಟ ಬಾಕಿ ಹಣದಲ್ಲಿ ನೂರು ರೂಪಾಯಿ ವಾಪಸು ಮಾಡಿದರು. ಕರೆಂಟು ಇಲ್ಲದ ರಾತ್ರಿಗಂತೆ. ಮಿಡಿ ಉಪ್ಪಿನಕಾಯಿ ಬಾಟಲಿಗೆ ಮಾತ್ರ ದುಡ್ಡು ಹಿಡಿದರು, ಅದೂ ಕಡಿಮೆಯಿಲ್ಲ, 350. ಕೊಡಲೇಬೇಕಾದದ್ದು ಅನ್ನಿ, ಊರಿಗೆ ಬಂದು ಎರಡು ವಾರಕ್ಕೆ ಬಾಟಲಿ ಖಾಲಿ. ಫೆಬ್ರವರಿಗೆ ಆಲೆಮನೆ ಶುರುವಾಗುತ್ತದೆ, ತೊಡೆದೇವು ಬಾಕಿ ಇದೆ ಅಂತ ಮೊನ್ನೆ ಫೋನ್ ಮಾಡಿದ್ದೆ. ಹಳೇ ಮನೆಯ ಕೋಣೆಯೇ ಬೇಕು ಅಂದೆ. "ಅಡ್ಡಿಲ್ಲ, ಬರೆದಿಟ್ಕೊಂಡೆ" ಅಂದರು ಯಜಮಾನರು. ಎಲ್ಲಿ ಬರೆದಿಟ್ಟುಕೊಂಡರೋ ಗೊತ್ತಿಲ್ಲ, ಜನವರಿಯಲ್ಲಿ ಇನ್ನೊಂದು ಸಲ ಫೋನ್ ಮಾಡಬೇಕು.