ಗೇಮ್ ಲಾಂಚರ್ ಹುಡುಕುವಾಗ ಮೊದಲು ಕಾಣುವ ಲಿಂಕ್ ಒತ್ತಬೇಡಿ

ನಾಲ್ಕೈದು ಕಡೆ ಚದುರಿರುವ ಗೇಮ್‌ಗಳನ್ನೆಲ್ಲ ಒಂದೇ ಲಾಂಚರಿನಲ್ಲಿ (ಗೇಮ್‌ಗಳ ಪಟ್ಟಿ ತೋರಿಸಿ ಅಲ್ಲಿಂದಲೇ ಶುರು ಮಾಡುವ ಆಪ್) ಜೋಡಿಸಿಕೊಳ್ಳೋಣ ಅಂತ ನೀವೂ ಅಂದುಕೊಂಡಿದ್ದರೆ, ಡೌನ್‌ಲೋಡ್ ಮಾಡುವ ಮುಂಚೆ ಐದು ನಿಮಿಷ ಇದನ್ನು ಓದಿ. ನಾನು ಒಂದು ಭಾನುವಾರ ರಾತ್ರಿ ಮಾಡಿದ ತಪ್ಪಿಗೆ ಗೇಮ್ ಸ್ಟೋರುಗಳಾದ ಸ್ಟೀಮ್, ಎಪಿಕ್, ಜೊತೆಗೆ ಜೀಮೇಲ್, ಚಾಟ್ ಆಪ್ ಡಿಸ್ಕಾರ್ಡ್, ನಾಲ್ಕೂ ಅಕೌಂಟ್‌ಗಳು ಬೆಳಗಾಗುವಷ್ಟರಲ್ಲಿ ಬೇರೆಯವರ ಕೈ ಸೇರಿದ್ದವು. ಒದ್ದಾಡಿ ಅವನ್ನೆಲ್ಲ ವಾಪಸ್ ತಗೊಂಡೆ. ವಾಪಸ್ ಬರದೇ ಹೋಗಿದ್ದು ನನ್ನದಲ್ಲ, ತಂಗಿಯದು. ಅದಕ್ಕೇ ಈ ಬರಹ.

ಒಂದೇ ಲಾಂಚರ್ ಬೇಕು ಅನ್ನಿಸಿದ್ದಕ್ಕೆ ಕಾರಣ ಇತ್ತು. ಸ್ಟೀಮ್‌ನಲ್ಲಿ ನೂರಾ ನಲವತ್ತು ಚಿಲ್ಲರೆ ಗೇಮ್ ಇವೆ. ಎಪಿಕ್‌ನಲ್ಲಿ ಪ್ರತಿ ಗುರುವಾರ ರಾತ್ರಿ 8:30ಕ್ಕೆ, ಚಳಿಗಾಲದಲ್ಲಿ 9:30ಕ್ಕೆ, ಫ್ರೀ ಗೇಮ್ ಬರುತ್ತದಲ್ಲ, ಅದನ್ನು ತಪ್ಪದೆ ಕ್ಲೇಮ್ ಮಾಡುವವನು ನಾನು. ಗಾಗ್ ಅನ್ನುವ ಇನ್ನೊಂದು ಸ್ಟೋರಿನಲ್ಲಿ ಹಳೆಯ ಗೇಮ್‌ಗಳು, ಅಮೆಜಾನ್ ಪ್ರೈಮ್‌ನಿಂದ ಬಂದವು ಬೇರೆ. ಯಾವುದು ಎಲ್ಲಿದೆ ಅಂತ ನೆನಪೇ ಉಳಿಯುತ್ತಿರಲಿಲ್ಲ. 2020ರ ಮೇ ತಿಂಗಳಲ್ಲಿ ಎಪಿಕ್ ಜಿಟಿಎ 5 ಅನ್ನು ಫ್ರೀಯಾಗಿ ಕೊಟ್ಟಿತ್ತು. ಅವತ್ತು ಜನ ಮುಗಿಬಿದ್ದು ಅವರ ಸ್ಟೋರೇ ತೆರೆಯುತ್ತಿರಲಿಲ್ಲ. ರಾತ್ರಿಯೆಲ್ಲ ಕೂತು ಕ್ಲೇಮ್ ಮಾಡಿದ್ದೆ. ಆಮೇಲೆ ಪೂರ್ತಿ ಮರೆತು, ಒಂದು ಸೇಲಿನಲ್ಲಿ ಅದೇ ಗೇಮ್‌ಗೆ ಸ್ಟೀಮ್‌ನಲ್ಲಿ ದುಡ್ಡು ಕೊಟ್ಟೆ. ಗೊತ್ತಾಗುವಷ್ಟರಲ್ಲಿ ಐದು ಗಂಟೆ ಆಡಿಯಾಗಿತ್ತು. ಸ್ಟೀಮ್‌ನಲ್ಲಿ ರೀಫಂಡ್ ಬೇಕಂದರೆ ಕೊಂಡು 14 ದಿನದೊಳಗಿರಬೇಕು, ಆಡಿದ್ದು 2 ಗಂಟೆ ಮೀರಿರಬಾರದು. ದುಡ್ಡು ಹೋಯಿತು.

ಹಾಗಾಗಿ ಗಣೇಶ ಹಬ್ಬಕ್ಕೆ ಒಂದು ವಾರ ಇರುವಾಗ, ಊಟ ಮುಗಿಸಿ, ಎಲ್ಲವನ್ನೂ ಒಂದು ಕಡೆ ತರೋಣ ಅಂತ ಕೂತೆ. ಒಂದು ಒಳ್ಳೆಯ ಲಾಂಚರಿನ ಹೆಸರನ್ನು ಸ್ನೇಹಿತ ಹೇಳಿದ್ದ. ಆ ಹೆಸರು ಇಲ್ಲಿ ಬರೆಯುವುದಿಲ್ಲ, ಅದನ್ನು ಮಾಡಿದವರದು ಏನೂ ತಪ್ಪಿಲ್ಲ. ಹೆಸರು ಟೈಪ್ ಮಾಡಿದೆ, ಎಲ್ಲಕ್ಕಿಂತ ಮೇಲೆ ಬಂದದ್ದನ್ನು ಒತ್ತಿದೆ. ಅದು ಜಾಹೀರಾತು. ದುಡ್ಡು ಕೊಟ್ಟು ಮೇಲೆ ಹಾಕಿಸಿಕೊಂಡ ನಕಲಿ ತಾಣ. ಲೋಗೋ ಅದೇ, ಬಣ್ಣ ಅದೇ, ಚಿತ್ರಗಳೂ ಅವೇ. ವಿಳಾಸದಲ್ಲಿ ಮಾತ್ರ ಹೆಸರಿನ ಮುಂದೆ ಒಂದು ಅಡ್ಡಗೆರೆ, ಅದರ ಮುಂದೆ ‘ಆಪ್’ ಅಂತ ಸೇರಿಸಿದ್ದರು. ವಿಳಾಸದ ಕಡೆ ನಾನು ನೋಡಲೇ ಇಲ್ಲ.

ಇಲ್ಲಿಂದ ಮುಂದಿನದನ್ನು ನಿಧಾನಕ್ಕೆ ಓದಿ. ಒಂದೊಂದು ಹೆಜ್ಜೆಯಲ್ಲೂ ನಿಲ್ಲಲು ಅವಕಾಶ ಇತ್ತು.

ಡೌನ್‌ಲೋಡ್ ಆಗಿದ್ದು ಒಂದು ಜಿಪ್ ಫೈಲ್, ಸುಮಾರು 40 ಎಂಬಿ. ಅದಕ್ಕೊಂದು ಪಾಸ್‌ವರ್ಡ್. ಪಾಸ್‌ವರ್ಡನ್ನು ಪೇಜಿನಲ್ಲೇ ದಪ್ಪ ಅಕ್ಷರದಲ್ಲಿ ಹಾಕಿದ್ದರು. ಎಲ್ಲರಿಗೂ ಕಾಣುವ ಹಾಗೆ ಬರೆದ ಮೇಲೆ ಪಾಸ್‌ವರ್ಡ್ ಯಾಕೆ ಬೇಕು? ಬೀಗ ಹಾಕಿದ ಜಿಪ್‌ನ ಒಳಗೆ ಏನಿದೆ ಅಂತ ಆಂಟಿವೈರಸ್ ನೋಡಲಾರದು. ಅದಕ್ಕೇ ಬೇಕು. ಬಿಚ್ಚಿದಾಗ ಒಳಗಿದ್ದ ಸೆಟಪ್ ಫೈಲ್ 760 ಎಂಬಿ ಆಯಿತು. 40 ಎಂಬಿ ಜಿಪ್‌ನಿಂದ 760 ಎಂಬಿ! ಒಳಗೆಲ್ಲ ಬರೀ ಸೊನ್ನೆ ತುಂಬಿರುತ್ತಾರೆ, ಅದಕ್ಕೇ ಜಿಪ್‌ನಲ್ಲಿ ಅಷ್ಟು ಚಿಕ್ಕದಾಗುತ್ತದೆ. ವೈರಸ್‌ಟೋಟಲ್ ತಾಣದಲ್ಲಿ 650 ಎಂಬಿಗಿಂತ ದೊಡ್ಡ ಫೈಲ್ ಹಾಕಿ ಪರೀಕ್ಷಿಸಲು ಆಗುವುದಿಲ್ಲ. ಅದನ್ನು ತಿಳಿದೇ ಹೀಗೆ ಉಬ್ಬಿಸುತ್ತಾರೆ. ಈ ಲೆಕ್ಕವೆಲ್ಲ ನನಗೆ ಗೊತ್ತಾಗಿದ್ದು ಆಮೇಲೆ.

‘ವಿಂಡೋಸ್ ಡಿಫೆಂಡರ್ ತಪ್ಪು ಎಚ್ಚರಿಕೆ ಕೊಡುತ್ತದೆ, ಸ್ವಲ್ಪ ಹೊತ್ತು ಆಫ್ ಮಾಡಿ’ ಅಂತಲೂ ಬರೆದಿತ್ತು. ಡಿಫೆಂಡರ್ ಅಂದರೆ ವಿಂಡೋಸ್ ಜೊತೆಗೇ ಬರುವ ಆಂಟಿವೈರಸ್. ಆಫ್ ಮಾಡಿದೆ. ಗೇಮ್ ಮಾಡ್ (ಆಟವನ್ನು ಬದಲಿಸಲು ಬೇರೆಯವರು ಮಾಡಿದ ಫೈಲ್) ಹಾಕುವಾಗ ಹೀಗೆ ಆಫ್ ಮಾಡಿ ಅಭ್ಯಾಸವಾಗಿಬಿಟ್ಟಿದೆ, ನಿಮಗೂ ಆಗಿರಬಹುದು. ಸೆಟಪ್ ಒತ್ತಿದೆ. ಕಪ್ಪು ಕಿಟಕಿಯೊಂದು ಕಣ್ಣು ಮಿಟುಕಿಸುವಷ್ಟರಲ್ಲಿ ತೆರೆದು ಮುಚ್ಚಿತು. ಮತ್ತೇನೂ ಇಲ್ಲ. ಫೈಲ್ ಕೆಟ್ಟಿರಬೇಕು ಅಂದುಕೊಂಡು ಇನ್ನೆರಡು ಸಲ ಒತ್ತಿದೆ. ಆಮೇಲೆ ಬೇಸರವಾಗಿ ಮಲಗಿದೆ.

ಬೆಳಗ್ಗೆ ಆರಕ್ಕೆ ಗೆಳೆಯನ ಫೋನ್. ‘ಏನೋ ಇದು, ರಾತ್ರಿ ಮೂರಕ್ಕೆ ನಂಗೆ ಗಿಫ್ಟ್ ಕಾರ್ಡ್ ಲಿಂಕ್ ಕಳ್ಸಿದ್ದೀಯಲ್ಲ?’ ನಾನು ಕಳಿಸಿರಲಿಲ್ಲ. ನನ್ನ ಡಿಸ್ಕಾರ್ಡ್‌ನಿಂದ ಎಲ್ಲರಿಗೂ ಹೋಗಿತ್ತು. ಸ್ಟೀಮ್ ತೆರೆದರೆ ಲಾಗಿನ್ ಆಗುತ್ತಿಲ್ಲ. ಜೀಮೇಲ್‌ನ ಕಸದ ಬುಟ್ಟಿಯಲ್ಲಿ ಸ್ಟೀಮ್‌ನ ಮೇಲ್ ಬಿದ್ದಿತ್ತು: ನಿಮ್ಮ ಇಮೇಲ್ ವಿಳಾಸ ಬದಲಾಗಿದೆ. ಮೇಲ್ ಬಂದ ಕೂಡಲೇ ಅದನ್ನು ಅಳಿಸುತ್ತಾ ಯಾರೋ ನನ್ನ ಜೀಮೇಲ್ ಒಳಗೇ ಕೂತಿದ್ದರು. ಸ್ಟೀಮ್ ವಾಲೆಟ್‌ನಲ್ಲಿದ್ದ 1,150 ರೂಪಾಯಿ ಖಾಲಿಯಾಗಿತ್ತು.

ನನಗೆ ಅರ್ಥವಾಗದೇ ಇದ್ದದ್ದು ಒಂದೇ. ಜೀಮೇಲ್‌ಗೆ ಎರಡು ಹಂತದ ಲಾಗಿನ್ ಇಟ್ಟಿದ್ದೆ, ಫೋನಿಗೆ ಕೋಡ್ ಬರಬೇಕಿತ್ತು. ಬರಲೇ ಇಲ್ಲ. ಹೇಗೆ ನುಗ್ಗಿದರು? ದೇವಸ್ಥಾನದ ಹೊರಗೆ ಚಪ್ಪಲಿ ಬಿಡುವಾಗ ಟೋಕನ್ ಕೊಡುತ್ತಾರಲ್ಲ, ಹಾಗೆ. ನೀವು ಒಮ್ಮೆ ಪಾಸ್‌ವರ್ಡ್, ಕೋಡ್ ಎರಡೂ ಕೊಟ್ಟು ಒಳಗೆ ಹೋದರೆ, ಪ್ರತಿ ಸಲ ಕೇಳಬಾರದು ಅಂತ ಆ ತಾಣ ನಿಮ್ಮ ಬ್ರೌಸರಿಗೆ ಒಂದು ಟೋಕನ್ ಕೊಡುತ್ತದೆ. ಆಮೇಲೆ ಟೋಕನ್ ತಂದವರಿಗೆ ಬಾಗಿಲು ತೆರೆಯುತ್ತದೆ, ಹೆಸರು ಕೇಳುವುದಿಲ್ಲ. ನಾನು ಓಡಿಸಿದ ಫೈಲ್ ಮಾಡಿದ್ದು ಇಷ್ಟೇ. ಬ್ರೌಸರಿನಲ್ಲಿದ್ದ ಎಲ್ಲ ಟೋಕನ್, ಉಳಿಸಿಟ್ಟ ಪಾಸ್‌ವರ್ಡ್ ಗುಡಿಸಿ ಕಳಿಸಿಬಿಟ್ಟಿತು. ಸ್ಟೀಮ್ ಗಾರ್ಡ್, ಅಂದರೆ ಸ್ಟೀಮ್‌ನ ಎರಡು ಹಂತದ ಲಾಗಿನ್, ನನ್ನದು ಮೊಬೈಲ್ ಆಪ್‌ನಲ್ಲಿ ಇರಲಿಲ್ಲ, ಮೇಲ್‌ಗೆ ಕೋಡ್ ಬರುವ ಹಾಗಿತ್ತು. ಮೇಲ್ ಅವರ ಕೈಯಲ್ಲಿದ್ದ ಮೇಲೆ ಸ್ಟೀಮ್ ತಗೊಳ್ಳುವುದು ಎಷ್ಟು ಹೊತ್ತು? ನೀವು ಇದನ್ನು ಓದುತ್ತಿರುವಾಗಲೇ ಫೋನಿನಲ್ಲಿ ಸ್ಟೀಮ್ ಆಪ್ ಹಾಕಿ, ಗಾರ್ಡನ್ನು ಅದಕ್ಕೆ ಬದಲಾಯಿಸಿಕೊಳ್ಳಿ.

ಗಾಬರಿಯಲ್ಲಿ ನಾನು ಎರಡನೇ ತಪ್ಪು ಮಾಡಿದೆ. ಅದೇ ಕಂಪ್ಯೂಟರಿನಲ್ಲಿ ಕೂತು ಜೀಮೇಲ್ ಪಾಸ್‌ವರ್ಡ್ ಬದಲಾಯಿಸಿದೆ. ಹೊಸ ಪಾಸ್‌ವರ್ಡೂ ಅವರಿಗೆ ಹೋಯಿತು, ಅರ್ಧ ಗಂಟೆಯಲ್ಲಿ ಮತ್ತೆ ಒಳಗಿದ್ದರು. ನಿಮಗೆ ಹೀಗಾದರೆ ಮೊದಲು ಆ ಕಂಪ್ಯೂಟರಿನ ನೆಟ್ ಕಿತ್ತು ಹಾಕಿ. ಫೋನಿನಿಂದಲೋ ಮನೆಯವರ ಲ್ಯಾಪ್‌ಟಾಪಿನಿಂದಲೋ ಮೊದಲು ಮೇಲ್ ಸರಿ ಮಾಡಿ. ಪಾಸ್‌ವರ್ಡ್ ಬದಲಿಸಿದರೆ ಸಾಲದು, ಎಲ್ಲ ಸಾಧನಗಳಿಂದ ಸೈನ್ ಔಟ್ ಮಾಡಿ, ಆಗಲೇ ಹಳೆಯ ಟೋಕನ್ ಸಾಯುವುದು. ಮೇಲ್ ಆದ ಮೇಲೆ ಸ್ಟೀಮ್, ಎಪಿಕ್ ಉಳಿದವು. ಸ್ಟೀಮ್ ಕೈಗೆ ಬಂದಾಗ ವೆಬ್ ಎಪಿಐ ಕೀ (ಬೇರೆ ಪ್ರೋಗ್ರಾಂಗಳು ನಿಮ್ಮ ಅಕೌಂಟ್ ಬಳಸಲು ಕೊಡುವ ಕೀ) ಪೇಜನ್ನೂ ನೋಡಿ. ನೀವು ಮಾಡದ ಕೀ ಅಲ್ಲಿದ್ದರೆ ರದ್ದು ಮಾಡಿ.

ಸ್ಟೀಮ್ ಸಪೋರ್ಟಿನವರು ಅಕೌಂಟ್ ನನ್ನದೇ ಅನ್ನಲು ಸಾಕ್ಷಿ ಕೇಳಿದರು. ಯುಪಿಐನಲ್ಲಿ ದುಡ್ಡು ಕೊಟ್ಟ ಹಳೆಯ ಖರೀದಿಗಳ ನಂಬರ್ ಹುಡುಕಿ ಕೊಟ್ಟೆ. ಅದಕ್ಕಿಂತ ಜಾಸ್ತಿ ಉಪಯೋಗಕ್ಕೆ ಬಂದದ್ದು ಅಟ್ಟದ ಮೇಲಿದ್ದ ಒಂದು ಡಬ್ಬಿ. ಬೆಂಗಳೂರಿನ ಎಸ್.ಪಿ. ರಸ್ತೆಯಲ್ಲಿ ಕಾಲೇಜು ದಿನಗಳಲ್ಲಿ ಕೊಂಡ ಸ್ಕೈರಿಮ್ ಡಿವಿಡಿ. ಒಳಗೆ ಸ್ಟೀಮ್ ಕೀ ಇರುವ ಚೀಟಿ ಹಾಗೇ ಇತ್ತು. ಅದರ ಮೇಲೆ ದೂರಿನ ನಂಬರನ್ನು ಪೆನ್ನಿನಲ್ಲಿ ಬರೆದು ಫೋಟೋ ತೆಗೆದು ಕಳಿಸಿದೆ. ಮೂರನೇ ದಿನ ಅಕೌಂಟ್ ವಾಪಸ್ ಬಂತು. ಹಳೆಯ ಡಬ್ಬಿ, ಬಿಲ್ಲು, ಖರೀದಿಯ ಮೇಲ್ ದಯವಿಟ್ಟು ಎಸೆಯಬೇಡಿ. ಎಪಿಕ್‌ಗೆ ಇನ್ನೂ ಹೆಚ್ಚು ದಿನ ಹಿಡಿಯಿತು. ರಾಷ್ಟ್ರೀಯ ಸೈಬರ್ ಕ್ರೈಮ್ ಪೋರ್ಟಲ್‌ನಲ್ಲಿ ದೂರೂ ಕೊಟ್ಟೆ. ಬ್ಯಾಂಕಿನ ದುಡ್ಡು ಹೋಗಿದ್ದರೆ ಮಾತ್ರ ಒಂದು ನಿಮಿಷವೂ ತಡಮಾಡದೆ 1930ಕ್ಕೆ ಫೋನ್ ಮಾಡಿ.

ಈಗ ತಂಗಿಯ ವಿಷಯ. ಆ ಕಂಪ್ಯೂಟರನ್ನು ನಂಬುವ ಹಾಗಿರಲಿಲ್ಲ, ಪೂರ್ತಿ ಫಾರ್ಮ್ಯಾಟ್ ಮಾಡಿದೆ. ಗೇಮ್‌ಗಳು ಹೋದರೆ ಹೋಗಲಿ, ಮತ್ತೆ ಇಳಿಸಿಕೊಳ್ಳಬಹುದು, ಸೇವ್ (ಆಟ ಎಲ್ಲಿಯವರೆಗೆ ಬಂದಿದೆ ಅನ್ನುವ ಫೈಲ್) ಎಲ್ಲ ಕ್ಲೌಡ್‌ನಲ್ಲಿ, ಅಂದರೆ ಸ್ಟೋರಿನವರ ಸರ್ವರಿನಲ್ಲಿ, ಇರುತ್ತದೆ ಅಂತ ಧೈರ್ಯ. ಸ್ಟೀಮ್‌ನಿಂದ ಆಡಿದ ನನ್ನ ಬಹಳಷ್ಟು ಗೇಮ್‌ಗಳ ಮಟ್ಟಿಗೆ ಅದು ನಿಜವೂ ಆಯಿತು. ಆದರೆ ತಂಗಿ ಆಡುತ್ತಿದ್ದ, ತೋಟ ಬೆಳೆಸುವ ಗೇಮ್ ಸ್ಟಾರ್‌ಡ್ಯೂ ವ್ಯಾಲಿ ಗಾಗ್‌ನದು. ಆಫ್‌ಲೈನ್ ಇನ್‌ಸ್ಟಾಲರಿನಿಂದ ಹಾಕಿ, ಗೇಮ್‌ನ ಐಕಾನ್ ಅನ್ನೇ ನೇರ ಡೆಸ್ಕ್‌ಟಾಪಿನಲ್ಲಿ ಇಟ್ಟುಕೊಟ್ಟಿದ್ದೆ. ಗಾಗ್‌ನ ಕ್ಲೌಡ್ ಕೆಲಸ ಮಾಡಬೇಕಂದರೆ ಅವರ ಗ್ಯಾಲಕ್ಸಿ ಆಪ್ ಮೂಲಕ ಆಡಬೇಕು. ನಾವು ಅದನ್ನು ಹಾಕಿಕೊಂಡೇ ಇರಲಿಲ್ಲ. ಅವಳ ತೋಟ ಇದ್ದದ್ದು ಆ ಕಂಪ್ಯೂಟರಿನ ಆಪ್‌ಡೇಟಾ ಫೋಲ್ಡರಿನಲ್ಲಿ ಮಾತ್ರ. ಸುಮ್ನೆ ತೆರೆದರೆ ಕಾಣದ ಫೋಲ್ಡರ್ ಅದು.

ಹಬ್ಬಕ್ಕೆ ಹಾಸ್ಟೆಲ್‌ನಿಂದ ಬಂದಳು. ಬ್ಯಾಗ್ ಇಟ್ಟು, ಕಡುಬು ತಿಂದು, ಕಂಪ್ಯೂಟರ್ ಮುಂದೆ ಕೂತಳು. ಆ ಗೇಮ್‌ನಲ್ಲಿ ಮೂರನೇ ವರ್ಷದ ಮೊದಲ ದಿನ ತೀರಿಹೋದ ಅಜ್ಜ ಬಂದು, ನೀನು ತೋಟ ಹೇಗೆ ನೋಡಿಕೊಂಡೆ ಅಂತ ಹೇಳುತ್ತಾನೆ. ಚೆನ್ನಾಗಿ ನೋಡಿಕೊಂಡಿದ್ದರೆ ನಾಲ್ಕು ಮೇಣದಬತ್ತಿ ಹೊತ್ತುತ್ತವೆ. ಅವಳು ಎರಡನೇ ವರ್ಷದ ಚಳಿಗಾಲದ ಕೊನೆಯ ವಾರದಲ್ಲಿದ್ದಳು. ‘ಅಣ್ಣಾ, ನನ್ನ ತೋಟ ಕಾಣ್ತಿಲ್ಲ’ ಅಂದಳು. ನಾನು ಹೇಳಿದೆ. ಅವಳು ಬೈಯಲಿಲ್ಲ. ‘ಹೋಗ್ಲಿ ಬಿಡು’ ಅಂತ ಎದ್ದು ಅಡುಗೆಮನೆಗೆ ಹೋದಳು. ಅದಕ್ಕಿಂತ ಬೈದಿದ್ದರೆ ಚೆನ್ನಾಗಿತ್ತು.

ಹಾಗಂತ ಎಲ್ಲ ಗೇಮ್ ಒಂದು ಕಡೆ ಜೋಡಿಸುವುದೇ ಬೇಡ ಅಂತ ನಾನು ಹೇಳುವುದಿಲ್ಲ. ಈಗ ನಾನು ಪ್ಲೇನೈಟ್ ಅನ್ನುವ ಲಾಂಚರ್ ಬಳಸುತ್ತಿದ್ದೇನೆ. ಫ್ರೀ, ಓಪನ್ ಸೋರ್ಸ್ (ಅದರ ಕೋಡ್ ಯಾರು ಬೇಕಾದರೂ ನೋಡಬಹುದು). ವಿಳಾಸ ಪ್ಲೇನೈಟ್ ಡಾಟ್ ಲಿಂಕ್, ಅದನ್ನು ಕೈಯಾರೆ ಟೈಪ್ ಮಾಡಿ ಹೋದೆ. ಲಿನಕ್ಸ್ ಇರುವವರು ಹೀರೋಯಿಕ್ ಅಥವಾ ಲುಟ್ರಿಸ್ ನೋಡಿ. ಇಂಥವು ನಿಮ್ಮ ಗೇಮ್‌ಗಳ ಪಟ್ಟಿಯನ್ನು ಒಂದು ಕಡೆ ತಂದು ತೋರಿಸುತ್ತವೆ. ಅಕೌಂಟ್, ಲೈಸೆನ್ಸ್ ಎಲ್ಲ ಆಯಾ ಸ್ಟೋರಿನಲ್ಲೇ ಇರುತ್ತವೆ, ಸೇವ್ ಎಲ್ಲಿರುತ್ತದೋ ಅಲ್ಲೇ ಇರುತ್ತದೆ. ಪ್ಲೇನೈಟ್‌ನಿಂದ ಸ್ಟೀಮ್ ಗೇಮ್ ಒತ್ತಿದರೆ ಹಿಂದೆ ಸ್ಟೀಮೇ ತೆರೆಯುತ್ತದೆ, ಹಾಗಾಗಿ ಕ್ಲೌಡ್ ಸೇವ್ ನಡೆಯುತ್ತದೆ. ಗಾಗ್ ಗೇಮ್ ನೇರವಾಗಿ ಓಡಿದರೆ ನಡೆಯುವುದಿಲ್ಲ. ಒಂದೇ ಪಟ್ಟಿಯಲ್ಲಿ ಎಲ್ಲ ಒಂದೇ ಥರ ಕಾಣುವುದರಿಂದ ಈ ವ್ಯತ್ಯಾಸ ಮರೆತೇ ಹೋಗುತ್ತದೆ.

ಲುಡುಸಾವಿ ಅಂತ ಒಂದು ಫ್ರೀ ಟೂಲ್ ಇದೆ. ಯಾವ ಗೇಮ್‌ನ ಸೇವ್ ಎಲ್ಲಿ ಅಡಗಿದೆ ಅಂತ ಅದೇ ಹುಡುಕಿ ಒಂದು ಕಡೆ ನಕಲು ಮಾಡಿಡುತ್ತದೆ. ಪ್ರತಿ ಭಾನುವಾರ ಅದನ್ನು ಓಡಿಸಿ ಪೆನ್‌ಡ್ರೈವಿಗೆ ಹಾಕಿಡುತ್ತೇನೆ. ಯಾವುದೇ ಸೆಟಪ್ ಫೈಲ್ ಬಂದರೂ ರೈಟ್ ಕ್ಲಿಕ್ ಮಾಡಿ ಪ್ರಾಪರ್ಟೀಸ್‌ನಲ್ಲಿ ಗಾತ್ರ ನೋಡುತ್ತೇನೆ. ಬೀಗದ ಜಿಪ್ ಆದರೆ ತೆರೆಯುವುದೇ ಇಲ್ಲ. ಡಿಫೆಂಡರ್ ಆಫ್ ಮಾಡಿ ಅಂತ ಯಾವ ಪೇಜ್ ಹೇಳಿದರೂ ಅಲ್ಲಿಂದ ಎದ್ದು ಬರುತ್ತೇನೆ, ನೀವೂ ಬನ್ನಿ. ಬ್ರೌಸರಿನಲ್ಲಿ ಪಾಸ್‌ವರ್ಡ್ ಉಳಿಸುವುದನ್ನೂ ಬಿಟ್ಟಿದ್ದೇನೆ.

ಆ ನಕಲಿ ತಾಣದ ಬಗ್ಗೆ, ಅದರ ಜಾಹೀರಾತು ತೋರಿಸಿದ ಸರ್ಚ್ ಕಂಪನಿಗೂ ದೂರು ಕೊಟ್ಟಿದ್ದೆ. ಹತ್ತು ದಿನದಲ್ಲಿ ಅದು ಕಾಣೆಯಾಯಿತು. ಮೊನ್ನೆ ಸುಮ್ನೆ ಅದೇ ಲಾಂಚರಿನ ಹೆಸರು ಹಾಕಿ ಹುಡುಕಿದೆ. ಎಲ್ಲಕ್ಕಿಂತ ಮೇಲೆ ಅದೇ ಲೋಗೋ, ಅದೇ ಬಣ್ಣ. ಈ ಸಲ ‘ಆಪ್’ ಬದಲು ‘ಪಿಸಿ’ ಅಂತ ಸೇರಿಸಿದ್ದಾರೆ.